ಗೆಣಸಿನ ಕಸ್ಟರ್ಡ್ ನೀರು ಬಿಡುತ್ತಿದೆ, ಅಂಚೆಲ್ಲ ತೂತು ತೂತು. ಎಲ್ಲಿ ತಪ್ಪುತ್ತಿದ್ದೇನೆ?

ಪ್ರಶ್ನೆ

ಎಲ್ಲರಿಗೂ ನಮಸ್ಕಾರ. ಸಿಹಿಗೆಣಸು ಹಾಕಿ ಓವನ್‌ನಲ್ಲಿ ಕಸ್ಟರ್ಡ್ ಮಾಡಲು ಎರಡು ಸಲ ಪ್ರಯತ್ನಪಟ್ಟೆ. ಎರಡೂ ಸಲ ಕೆಟ್ಟಿತು.

ಮೊದಲ ಸಲದ ಅಳತೆ: ಬೆಂದ ಗೆಣಸಿನ ಮುದ್ದೆ 300 ಗ್ರಾಂ, ಹಾಲು 500 ಮಿಲಿ, ಮೊಟ್ಟೆ 3, ಸಕ್ಕರೆ 120 ಗ್ರಾಂ. ಎಲ್ಲವನ್ನೂ ಮಿಕ್ಸಿಗೆ ಹಾಕಿ ತಿರುವಿ, ಆಳವಾದ ಗಾಜಿನ ಬಟ್ಟಲಿಗೆ ಸುರಿದು, 180 ಡಿಗ್ರಿಯಲ್ಲಿ ಒಂದು ಗಂಟೆ ಇಟ್ಟೆ. ಅಂಚು ಗಟ್ಟಿಯಾಗಿತ್ತು, ನಡುವೆ ಮಾತ್ರ ಗಂಜಿಯ ಹಾಗಿತ್ತು. ಒಂದು ಮೂಲೆಯಿಂದ ಚಮಚದಲ್ಲಿ ತೆಗೆದೆ. ಹತ್ತು ನಿಮಿಷದಲ್ಲಿ ಆ ಗುಳಿಯಲ್ಲಿ ಹಳದಿ ನೀರು ನಿಂತಿತು.

ಗೆಣಸಿನಲ್ಲಿ ನೀರು ಜಾಸ್ತಿ ಇರಬೇಕು, ಮೊಟ್ಟೆ ಸಾಲಲಿಲ್ಲ ಅಂದುಕೊಂಡೆ. ಎರಡನೇ ಸಲ 5 ಮೊಟ್ಟೆ ಹಾಕಿ, ಚಾಕು ಚುಚ್ಚಿದರೆ ಏನೂ ಅಂಟದೆ ಬರುವವರೆಗೆ, ಅಂದರೆ ಇನ್ನೂ ಕಾಲು ಗಂಟೆ ಹೆಚ್ಚು ಬಿಟ್ಟೆ. ನಡುವೆ ಗಟ್ಟಿಯಾಯಿತು ನಿಜ. ಆದರೆ ಅಂಚು ಸ್ಪಂಜಿನ ಹಾಗೆ ತೂತು ತೂತು. ಬಾಯಲ್ಲಿ ಮರಳು ಮರಳು, ನಡುನಡುವೆ ನಾರು, ಮೊಟ್ಟೆ ವಾಸನೆ. ನೀರು ಮಾತ್ರ ಮೊದಲಿಗಿಂತ ಜಾಸ್ತಿ!

ಮೊಟ್ಟೆ ಹೆಚ್ಚು ಮಾಡಿದರೂ ನೀರು ಯಾಕೆ ಹೆಚ್ಚಾಯಿತು? ಇದೊಂದು ನನಗೆ ಅರ್ಥವೇ ಆಗುತ್ತಿಲ್ಲ. ಗೊತ್ತಿರುವವರು ದಯವಿಟ್ಟು ಹೇಳಿ.

ಉತ್ತರ 1

ನಮಸ್ಕಾರ. ಅಂಚಿನ ತೂತುಗಳನ್ನು ನೋಡಿ ಬರೆದದ್ದು ಒಳ್ಳೆಯದಾಯಿತು, ಅರ್ಧ ಉತ್ತರ ಅಲ್ಲೇ ಇದೆ. ಪೂರ್ತಿ ಹೇಳುವ ಮೊದಲು ಕೆಲವು ವಿಷಯ ತಿಳಿಯಬೇಕು. ಗೆಣಸನ್ನು ಹೇಗೆ ಬೇಯಿಸಿದಿರಿ? ಬಟ್ಟಲನ್ನು ನೀರಿನ ಟ್ರೇಯಲ್ಲಿ ಇಟ್ಟಿದ್ದಿರಾ, ಇಲ್ಲ ನೇರವಾಗಿ ಓವನ್ ಕಂಬಿಯ ಮೇಲೆ ಇಟ್ಟಿದ್ದಿರಾ? ಹಾಲು ತಣ್ಣಗಿತ್ತಾ?

ಪ್ರಶ್ನೆ ಕೇಳಿದವರು

ಗೆಣಸನ್ನು ಸಿಪ್ಪೆ ತೆಗೆದು, ಹೋಳು ಮಾಡಿ, ಕುಕ್ಕರ್‌ನಲ್ಲಿ ನೀರು ಹಾಕಿ ಬೇಯಿಸಿದೆ. ನೀರಿನ ಟ್ರೇ ಇಡಲಿಲ್ಲ, ನೇರ ಕಂಬಿಯ ಮೇಲೆಯೇ. ಹಾಲು ಫ್ರಿಜ್‌ನಿಂದ ತೆಗೆದದ್ದನ್ನೇ ಹಾಕಿದೆ.

ಉತ್ತರ 1

ಸರಿ, ಈಗ ಸ್ಪಷ್ಟವಾಯಿತು. ಗುಳಿಯಲ್ಲಿ ನಿಂತ ನೀರಿಗೆ ಮುಖ್ಯ ಕಾರಣ ಗೆಣಸಲ್ಲ. ಅದು ಮೊಟ್ಟೆಯಿಂದ ಹಿಂಡಿ ಹೊರಬಂದ ನೀರು.

ಮೊಟ್ಟೆ ಬಿಸಿಯಾದಾಗ ಅದರ ಪ್ರೋಟೀನಿನ ಎಳೆಗಳು ಬಿಚ್ಚಿಕೊಂಡು, ಒಂದಕ್ಕೊಂದು ಹೆಣೆದುಕೊಂಡು ಬಲೆಯ ಹಾಗಾಗುತ್ತವೆ. ಹಾಲು, ಸಕ್ಕರೆ, ಗೆಣಸು ಎಲ್ಲ ಆ ಬಲೆಯೊಳಗೆ ಕೂರುತ್ತವೆ. ಕಸ್ಟರ್ಡ್ ಗಟ್ಟಿಯಾಗುವುದು ಅಂದರೆ ಇದೇ. ಬಿಸಿ ಇನ್ನೂ ಏರಿದರೆ ಬಲೆ ಬಿಗಿಯುತ್ತದೆ. ಒದ್ದೆ ಬಟ್ಟೆ ಹಿಂಡಿದ ಹಾಗೆ ಒಳಗಿನ ನೀರು ಹೊರಗೆ ಬರುತ್ತದೆ. ಮೊಟ್ಟೆ ಜಾಸ್ತಿ ಹಾಕಿದಷ್ಟೂ ಎಳೆಗಳು ಜಾಸ್ತಿ, ಹಿಂಡುವ ಬಲವೂ ಜಾಸ್ತಿ. ಐದು ಮೊಟ್ಟೆ ಹಾಕಿ ಕಾಲು ಗಂಟೆ ಹೆಚ್ಚು ಬೇಯಿಸಿದಾಗ ನೀರು ಹೆಚ್ಚಿದ್ದು ಇದಕ್ಕೇ.

ಹಾಲು, ಸಕ್ಕರೆ ಸೇರಿದ ಮೊಟ್ಟೆ ಸುಮಾರು 77ರಿಂದ 82 ಡಿಗ್ರಿ ಸೆಲ್ಸಿಯಸ್ ಹೊತ್ತಿಗೆ ಗಟ್ಟಿಯಾಗುತ್ತದೆ. 85 ದಾಟಿದರೆ ಒಡೆಯಲು ಶುರು. ನಡುವಿನ ಜಾಗ ಐದಾರು ಡಿಗ್ರಿ ಅಷ್ಟೇ. ನಿಮ್ಮ ಓವನ್ 180ರಲ್ಲಿದೆ, ಬಟ್ಟಲು ಆಳವಾಗಿದೆ, ಒಳಗಿರುವುದು ಫ್ರಿಜ್‌ನ ತಣ್ಣನೆ ಹಾಲು. ನಡುಭಾಗ 77ಕ್ಕೆ ಬರುವಷ್ಟರಲ್ಲಿ ಅಂಚು 90 ದಾಟಿರುತ್ತದೆ. ಬಿಸಿ ಮಿತಿಮೀರಿತು ಅನ್ನುವುದಕ್ಕೆ ಆ ತೂತುಗಳೇ ಸಾಕ್ಷಿ. ಒಂದೇ ಬಟ್ಟಲಿನಲ್ಲಿ ಅರ್ಧ ಬೇಯದ್ದು, ಅರ್ಧ ಬೆಂದು ಒಡೆದದ್ದು, ಎರಡೂ ಇದ್ದವು.

ಅದಕ್ಕೇ ನೀರಿನ ಟ್ರೇ ಬೇಕು. ಎಷ್ಟೇ ಕಾದರೂ ನೀರು 100 ಡಿಗ್ರಿ ದಾಟುವುದಿಲ್ಲ. ಓವನ್ 160ರಲ್ಲಿದ್ದರೆ ಆವಿಯಾಗುತ್ತಾ ಅದಕ್ಕಿಂತ ಕೆಳಗೇ ನಿಲ್ಲುತ್ತದೆ. ಹಾಗಾಗಿ ಅಂಚೂ ನಡುವೂ ಹೆಚ್ಚುಕಮ್ಮಿ ಒಟ್ಟಿಗೆ ಬೇಯುತ್ತವೆ. ದೊಡ್ಡ ಟ್ರೇಯ ತಳಕ್ಕೆ ಮಡಿಸಿದ ಬಟ್ಟೆ ಹಾಸಿ, ಅದರ ಮೇಲೆ ಬಟ್ಟಲಿಟ್ಟು, ಕಸ್ಟರ್ಡ್ ಎಷ್ಟು ಎತ್ತರಕ್ಕಿದೆಯೋ ಅದರ ಅರ್ಧದಷ್ಟಾದರೂ ನೀರು ಹಾಕಿ.

ಇನ್ನು ಚಾಕು. ನಡುವೆ ಚುಚ್ಚಿದ ಚಾಕು ಪೂರ್ತಿ ಶುಭ್ರವಾಗಿ ಬಂದರೆ ಆಗಲೇ ತಡವಾಗಿದೆ ಅಂತಲೇ ತಿಳಿಯಿರಿ, ಹೊರಗೆ ತೆಗೆದ ಮೇಲೂ ಒಳಬಿಸಿ ಏರುತ್ತಲೇ ಇರುತ್ತದೆ. ಬಟ್ಟಲನ್ನು ಮೆಲ್ಲಗೆ ಅಲುಗಿಸಿ ನೋಡಿ. ಅಂಚು ಅಲುಗಬಾರದು, ನಡುವಿನ ಮೂರು ನಾಲ್ಕು ಸೆಂಟಿಮೀಟರ್ ಮಾತ್ರ ತುಸು ನಡುಗಬೇಕು. ಅಲೆಯ ಹಾಗೆ ತುಳುಕಿದರೆ ಇನ್ನೂ ಬೇಯಬೇಕು. ಅಡುಗೆ ಥರ್ಮಾಮೀಟರ್ ಇದ್ದರೆ ನಡುವೆ 77, 78 ತೋರಿಸಿದಾಗ ತೆಗೆದುಬಿಡಿ.

ಮೊಟ್ಟೆ ನಾಲ್ಕು ಸಾಕು. ಹಾಲನ್ನು 400 ಮಿಲಿಗೆ ಇಳಿಸಿ, ಉಗುರುಬೆಚ್ಚಗೆ ಮಾಡಿಕೊಂಡು ಹಾಕಿ.

ಉತ್ತರ 2

ಮೇಲಿನವರು ಹೇಳಿದ್ದು ನೂರಕ್ಕೆ ನೂರು ಸರಿ. ಗೆಣಸಿನ ಕಡೆಯದು ನಾನು ಹೇಳುತ್ತೇನೆ, ಯಾಕಂದರೆ ಮರಳು ಮರಳು, ನಾರು ಎರಡಕ್ಕೂ ಬರೀ ಬಿಸಿ ಇಳಿಸಿದರೆ ಸಾಲದು.

ಗೆಣಸನ್ನು ನೀರಿನಲ್ಲಿ ಬೇಯಿಸಬೇಡಿ. ಸಿಪ್ಪೆ ಸಮೇತ ಇಡಿಯಾಗಿ ತೊಳೆದು, ಫೋರ್ಕ್‌ನಿಂದ ನಾಲ್ಕಾರು ಕಡೆ ಚುಚ್ಚಿ, ಓವನ್‌ನಲ್ಲೇ 190 ಡಿಗ್ರಿಯಲ್ಲಿ ಒಂದು ಗಂಟೆ, ದಪ್ಪಗಿದ್ದರೆ ಇನ್ನೂ ಸ್ವಲ್ಪ ಹೊತ್ತು ಸುಡಿ. ಚುಚ್ಚಿದ ತೂತುಗಳಿಂದ ಜೇನಿನಂಥ ರಸ ಒಸರಿ, ಟ್ರೇ ಮೇಲೆ ಬಿದ್ದು ಕಂದು ಬಣ್ಣಕ್ಕೆ ತಿರುಗುತ್ತದೆ. ಸಿಪ್ಪೆ ಒಳಗಿನಿಂದ ಬಿಟ್ಟುಕೊಂಡು ಸುಕ್ಕಾಗುತ್ತದೆ. ಬೆರಳಿನಿಂದ ಒತ್ತಿದರೆ ಒಳಗೆ ಹೋಗಬೇಕು. ಆಗ ಬೆಂದಿದೆ ಅಂತ ಅರ್ಥ.

ಹೀಗೆ ಸುಟ್ಟರೆ ನೀರು ಕಡಿಮೆಯಾಗುತ್ತದೆ, ಅದು ಒಂದು. ಇನ್ನೊಂದು ಲಾಭ ಇದೆ. ಗೆಣಸಿನೊಳಗೆ ಪಿಷ್ಟವನ್ನು ಮಾಲ್ಟೋಸ್ ಅನ್ನುವ ಸಕ್ಕರೆಯಾಗಿ ಮಾಡುವ ಕಿಣ್ವ ಇದೆ. ಅದು ಚೆನ್ನಾಗಿ ಕೆಲಸ ಮಾಡುವುದು ಸುಮಾರು 60ರಿಂದ 75 ಡಿಗ್ರಿ ಬಿಸಿಯಲ್ಲಿ. ಓವನ್‌ನಲ್ಲಿ ಇಡೀ ಗೆಣಸು ನಿಧಾನವಾಗಿ ಬಿಸಿಯಾಗುವುದರಿಂದ ಆ ಬಿಸಿಯಲ್ಲಿ ಬಹಳ ಹೊತ್ತು ಇರುತ್ತದೆ. ಕುಕ್ಕರ್‌ನಲ್ಲಿ ಸಣ್ಣ ಹೋಳುಗಳು ಅದನ್ನು ಬೇಗ ದಾಟಿಬಿಡುತ್ತವೆ. ಅದಕ್ಕೇ ಸುಟ್ಟ ಗೆಣಸು ಬೇಯಿಸಿದ್ದಕ್ಕಿಂತ ಸಿಹಿ. ಸಕ್ಕರೆಯನ್ನು 120ರಿಂದ 80 ಗ್ರಾಂಗೆ ಇಳಿಸಬಹುದು.

ಆಮೇಲೆ ಜರಡಿ. ಬಿಸಿ ಇರುವಾಗಲೇ ಸಿಪ್ಪೆ ತೆಗೆದು, ಸಣ್ಣ ಕಣ್ಣಿನ ಜರಡಿಯ ಮೇಲಿಟ್ಟು ಸೌಟಿನ ಬೆನ್ನಿನಿಂದ ಒತ್ತಿ. ನುಣ್ಣನೆ ಮುದ್ದೆ ಕೆಳಗೆ ಬೀಳುತ್ತದೆ, ನಾರು ಮೇಲೆ ಉಳಿಯುತ್ತದೆ. ಕೈ ನೋಯುತ್ತದೆ, ಆದರೂ ಈ ಹೆಜ್ಜೆ ಬಿಡಬೇಡಿ. ಮಿಕ್ಸಿ ನಾರನ್ನು ತುಂಡು ಮಾಡುತ್ತದೆ, ತೆಗೆಯುವುದಿಲ್ಲ. ಮೊಟ್ಟೆ ಹಾಕಿ ತಿರುವಿದರಂತೂ ನೊರೆ ಏಳುತ್ತದೆ. ಆ ಗುಳ್ಳೆಗಳು ಕಸ್ಟರ್ಡ್ ಒಳಗೇ ಸಿಕ್ಕಿಕೊಂಡು ತೂತಾಗುತ್ತವೆ. ನಿಮ್ಮ ತೂತುಗಳಲ್ಲಿ ಒಂದಷ್ಟು ಅಲ್ಲಿಂದಲೂ ಬಂದಿರಬಹುದು.

ಮುದ್ದೆ ನೀರಾಗಿ ಕಂಡರೆ ಬಾಣಲೆಗೆ ಹಾಕಿ ಸಣ್ಣ ಉರಿಯಲ್ಲಿ ಕೈಯಾಡಿಸಿ. ಸೌಟಿನಿಂದ ತಳದಲ್ಲಿ ಗೆರೆ ಎಳೆದರೆ ಗೆರೆ ತಕ್ಷಣ ಮುಚ್ಚಿಕೊಳ್ಳಬಾರದು, ಒಂದೆರಡು ಕ್ಷಣ ತಳ ಕಾಣಬೇಕು. ಕಿತ್ತಳೆ ಬಣ್ಣದ ಗೆಣಸಿಗೆ ಇದು ಹೆಚ್ಚಾಗಿ ಬೇಕಾಗುತ್ತದೆ. ಬಿಳಿ ಗೆಣಸು ಮೊದಲೇ ಹಿಟ್ಟು ಹಿಟ್ಟಾಗಿರುತ್ತದೆ, ಅದಕ್ಕೆ ಬೇಡ, ಬೇಕಿದ್ದರೆ ಒಂದೆರಡು ಚಮಚ ಹಾಲು ಹೆಚ್ಚಿಗೆ ಹಾಕಿ. ಒಣಗಿಸಿದ ಮುದ್ದೆ 250 ಗ್ರಾಂ ತೂಗಿಕೊಳ್ಳಿ.

ಬೆರೆಸುವಾಗ ಮೊಟ್ಟೆ, ಸಕ್ಕರೆ, ಒಂದು ಚಿಟಿಕೆ ಉಪ್ಪನ್ನು ನೊರೆ ಬಾರದ ಹಾಗೆ ಕಲಸಿ, ಆರಿದ ಮುದ್ದೆ ಸೇರಿಸಿ, ಕೊನೆಗೆ ಹಾಲು. ಇನ್ನೊಮ್ಮೆ ಸೋಸಿ ಹತ್ತು ನಿಮಿಷ ಸುಮ್ನೆ ಬಿಡಿ. ಮೇಲೆ ಬಂದ ಗುಳ್ಳೆಗಳನ್ನು ಚಮಚದಿಂದ ತೆಗೆಯಿರಿ.

ಪ್ರಶ್ನೆ ಕೇಳಿದವರು

ಇಬ್ಬರಿಗೂ ತುಂಬಾ ಧನ್ಯವಾದ. ಹೇಳಿದ ಹಾಗೆಯೇ ಇವತ್ತು ಮಾಡಿದೆ. ಬಹಳ ವ್ಯತ್ಯಾಸ ಇದೆ! ತೂತಿಲ್ಲ, ನಾರಿಲ್ಲ, ಅಂಚು ಬೆಣ್ಣೆಯ ಹಾಗೆ. ಆದರೆ 160ರಲ್ಲಿ 55 ನಿಮಿಷ ಆದರೂ ನಡುವೆ ತುಳುಕುತ್ತಲೇ ಇತ್ತು. ಒಂದೂವರೆ ಗಂಟೆ ಹೊತ್ತಿಗೆ ಗಟ್ಟಿಯಾಯಿತು. ಅಷ್ಟು ಹೊತ್ತು ಬೇಕಾ? ಟ್ರೇಗೆ ನಲ್ಲಿ ನೀರು ಹಾಕಿದ್ದೆ. ಬಟ್ಟಲು ಅದೇ ಹಳೆಯದು.

ಉತ್ತರ 1

ನಲ್ಲಿಯ ತಣ್ಣೀರೇ ಕಾರಣ. ಅಷ್ಟು ನೀರು ಕಾಯಲು ಓವನ್‌ಗೆ ಅರ್ಧ ಗಂಟೆ ಬೇಕು, ಅಲ್ಲಿಯವರೆಗೆ ಕಸ್ಟರ್ಡ್ ಬೇಯುವುದೇ ಇಲ್ಲ. ಬಿಸಿನೀರು ಹಾಕಬೇಕು ಅನ್ನುವುದನ್ನು ನಾನೇ ಹೇಳಬೇಕಿತ್ತು, ಕ್ಷಮಿಸಿ. ಖಾಲಿ ಟ್ರೇಯಲ್ಲಿ ಬಟ್ಟಲಿಟ್ಟು, ಓವನ್ ಕಂಬಿಯ ಮೇಲೆ ಇಟ್ಟ ಮೇಲೆ ಚೆನ್ನಾಗಿ ಕಾಸಿದ ನೀರನ್ನು ಅಂಚಿನಿಂದ ಸುರಿಯಿರಿ. ಬಟ್ಟಲು ಫ್ರಿಜ್‌ನಿಂದ ತೆಗೆದದ್ದಾಗಿರಬಾರದು, ಬಿಸಿನೀರು ತಾಗಿ ಗಾಜು ಸೀಳಬಹುದು. ಆಮೇಲೆ ಒಮ್ಮೆ ಬಗ್ಗಿ ನೋಡಿ: ಟ್ರೇಯ ನೀರು ಕೊತಕೊತ ಕುದಿಯುತ್ತಿದ್ದರೆ ನಿಮ್ಮ ಓವನ್ ತೋರಿಸುವುದಕ್ಕಿಂತ ಜಾಸ್ತಿ ಬಿಸಿ ಇದೆ, 10 ಡಿಗ್ರಿ ಇಳಿಸಿ. ಚಿಕ್ಕ ಓವನ್‌ಗಳಲ್ಲಿ ಇದು ಬಹಳ ಸಾಮಾನ್ಯ.

ಆಳ ಕಡಿಮೆ ಇರುವ ಅಗಲವಾದ ಬಟ್ಟಲು, ಇಲ್ಲವೇ ನಾಲ್ಕಾರು ಸಣ್ಣ ಕಪ್ ಬಳಸಿ. ಎರಡೂವರೆ ಸೆಂಟಿಮೀಟರ್ ಎತ್ತರದ ಕಸ್ಟರ್ಡ್‌ಗೆ 40ರಿಂದ 50 ನಿಮಿಷ. ಸಣ್ಣ ಕಪ್‌ಗಳಾದರೆ 25ನೇ ನಿಮಿಷದಿಂದಲೇ ಅಲುಗಿಸಿ ನೋಡುತ್ತಿರಿ.

ಪ್ರಶ್ನೆ ಕೇಳಿದವರು

ಇವತ್ತಿನದು ಆಗೇ ಹೋಯಿತು! ಅಗಲದ ಬಟ್ಟಲು, ಬಿಸಿನೀರು, 44 ನಿಮಿಷ. ಥರ್ಮಾಮೀಟರ್ 78 ತೋರಿಸಿದಾಗ ತೆಗೆದೆ. ತೆಗೆಯುವಾಗ ನಡುವೆ ನಡುಗುತ್ತಿತ್ತು, ಹೆದರಿಕೆಯಾಯಿತು. ಆರಿದ ಮೇಲೆ ನೋಡಿದರೆ ಚಮಚ ಹಾಕಿದ ಕಡೆ ನುಣ್ಣಗೆ ಕತ್ತರಿಸಿಕೊಂಡು ಬಂತು. ಒಂದು ಗಂಟೆ ಬಿಟ್ಟು ನೋಡಿದೆ, ಗುಳಿಯಲ್ಲಿ ನೀರಿಲ್ಲ.

ಇನ್ನೆರಡು ಪ್ರಶ್ನೆ. ಮುಂದಿನ ಸಲ ಹಸಿ ಶುಂಠಿ ರಸ ಹಾಕಬೇಕು ಅಂತ ಆಸೆ. ನೇರಳೆ ಗೆಣಸಿನಲ್ಲೂ ಮಾಡಬಹುದಾ?

ಉತ್ತರ 2

ಓದಿ ತುಂಬಾ ಖುಷಿಯಾಯಿತು.

ಹಸಿ ಶುಂಠಿ ರಸವನ್ನು ನೇರವಾಗಿ ಹಾಕಬೇಡಿ. ಅದರಲ್ಲಿ ಹಾಲನ್ನು ಹೆಪ್ಪುಗಟ್ಟಿಸುವ ಕಿಣ್ವ ಇದೆ, ಬೆಚ್ಚಗಿನ ಹಾಲಿಗೆ ಬಿದ್ದರೆ ಓವನ್‌ಗೆ ಹೋಗುವ ಮೊದಲೇ ಗಂಟು ಕಟ್ಟಬಹುದು. ರಸವನ್ನು ಮೊದಲು ಬೇರೆಯಾಗಿ ಒಂದೆರಡು ನಿಮಿಷ ಕುದಿಸಿ, ಆರಿಸಿ ಹಾಕಿ. ಕುದಿಸಿದರೆ ಆ ಕಿಣ್ವ ನಾಶವಾಗುತ್ತದೆ. ಇಲ್ಲ ಅಂದರೆ ಅರ್ಧ ಚಮಚ ಒಣಶುಂಠಿ ಪುಡಿ ಸಾಕು. ಚಕ್ಕೆ ಅಥವಾ ಜಾಯಿಕಾಯಿ ಪುಡಿಗೆ ಈ ತೊಂದರೆ ಇಲ್ಲ, ನನಗೆ ಗೆಣಸಿನ ಜೊತೆ ಜಾಯಿಕಾಯಿಯೇ ಹೆಚ್ಚು ಇಷ್ಟ.

ನೇರಳೆ ಗೆಣಸಿನಲ್ಲಿ ಮಾಡಬಹುದು, ಆದರೆ ಬಣ್ಣದ ವಿಷಯದಲ್ಲಿ ಎಚ್ಚರ. ಆ ಬಣ್ಣ ಹುಳಿಯಲ್ಲಿ ಕೆಂಪಗೆ, ಕ್ಷಾರದಲ್ಲಿ ನೀಲಿ ಹಸಿರಿಗೆ ತಿರುಗುತ್ತದೆ. ಮೊಟ್ಟೆಯ ಬಿಳಿಭಾಗ ಕ್ಷಾರ ಗುಣದ್ದು. ಇಡೀ ಮೊಟ್ಟೆ ಹಾಕಿದರೆ ಕಸ್ಟರ್ಡ್ ಬೂದಿ ನೀಲಿಯಾಗಿ ಕಾಣಬಹುದು, ರುಚಿಗೆ ಏನೂ ಆಗುವುದಿಲ್ಲ. ಎರಡು ಇಡೀ ಮೊಟ್ಟೆ, ನಾಲ್ಕು ಹಳದಿ ಹಾಕಿದರೆ ಬಿಳಿಭಾಗ ಕಡಿಮೆಯಾಗುತ್ತದೆ, ಬಾಯಿಗೂ ಇನ್ನಷ್ಟು ಮೃದು. ಬಣ್ಣ ಉಳಿಸಲು ಅಂತ ನಿಂಬೆರಸ ಜಾಸ್ತಿ ಹಾಕಿಬಿಡಬೇಡಿ, ಹಾಲು ಒಡೆಯುತ್ತದೆ. ನೇರಳೆ ಗೆಣಸು ಸಾಮಾನ್ಯವಾಗಿ ಒಣ ಒಣ. ಅದಕ್ಕೆ ಬಾಣಲೆಯಲ್ಲಿ ಒಣಗಿಸುವ ಕೆಲಸ ಬೇಡ, ಹಾಲು 450 ಮಿಲಿ ಹಾಕಿ ನೋಡಿ.

ಪ್ರಶ್ನೆ ಕೇಳಿದವರು

ಶುಂಠಿ ಕುದಿಸಬೇಕು ಅಂತ ಗೊತ್ತೇ ಇರಲಿಲ್ಲ, ಕೇಳಿದ್ದು ಒಳ್ಳೆಯದಾಯಿತು. ಉಳಿದದ್ದನ್ನು ಎಷ್ಟು ದಿನ ಇಡಬಹುದು?

ಉತ್ತರ 1

ಎರಡು ಗಂಟೆಯೊಳಗೆ ಫ್ರಿಜ್‌ಗೆ ಸೇರಿಸಿ. ಬಿಸಿ ಇರುವಾಗಲೇ ಮುಚ್ಚಿದರೆ ಮುಚ್ಚಳದಿಂದ ನೀರು ಹನಿದು ಮೇಲೆ ಬೀಳುತ್ತದೆ, ಅದನ್ನು ನೋಡಿ ಮತ್ತೆ ಕಸ್ಟರ್ಡ್ ಒಡೆಯಿತು ಅಂದುಕೊಳ್ಳಬೇಡಿ. ಆರಿದ ಮೇಲೆ ಮುಚ್ಚಿಡಿ. ಮೂರು ದಿನ ಚೆನ್ನಾಗಿರುತ್ತದೆ. ಫ್ರೀಜರ್‌ನಲ್ಲಿ ಮಾತ್ರ ಇಡಬೇಡಿ, ಕರಗಿದಾಗ ಮತ್ತೆ ಅದೇ ಹಳದಿ ನೀರು ಬಿಡುತ್ತದೆ.