ಫಿಸಿಯೋ ಮೇಡಂಗೆ ಕೇಳಿ: ವಾನ್ ಬಾಸ್ಟನ್ ಕಾಲಿಗೆ ನಿಜವಾಗಿ ಆಗಿದ್ದೇನು?

ಪ್ರಶ್ನೆ (ಕುವೆಂಪುನಗರ, ಮೈಸೂರು):

ನಮಸ್ಕಾರ ಮೇಡಂ. ನಾನು ನಿವೃತ್ತ ಬ್ಯಾಂಕ್ ನೌಕರ. ಮಾನಸಗಂಗೋತ್ರಿಯಲ್ಲಿ ಎಂ.ಎ. ಓದುವಾಗ ಹಾಸ್ಟೆಲ್ ಗೋಡೆಗೆ ಡಚ್ ಫುಟ್‌ಬಾಲ್ ಆಟಗಾರ ಮಾರ್ಕೊ ವಾನ್ ಬಾಸ್ಟನ್ ಪೋಸ್ಟರ್ ಅಂಟಿಸಿಕೊಂಡಿದ್ದವನು. ಮೊನ್ನೆ ಮೊಮ್ಮಗನಿಗೆ 1988ರ ಯೂರೋ (ಯೂರೋಪಿನ ದೇಶಗಳ ಕಪ್) ಫೈನಲ್‌ನ ಆ ವಾಲಿ ಗೋಲು, ಚೆಂಡು ನೆಲಕ್ಕೆ ಬೀಳುವ ಮೊದಲೇ ಒದ್ದದ್ದು, ತೋರಿಸಿದೆ. ಬಾಯಿ ಬಿಟ್ಟುಕೊಂಡು ನಾಲ್ಕು ಸಲ ನೋಡಿದ. ಆಮೇಲೆ, "ತಾತ, ಇವ್ರು ಇನ್ನೂ ಎಷ್ಟು ವರ್ಷ ಆಡಿದ್ರು?" ಅಂದ. ಐದು ವರ್ಷ ಕಣೋ ಅಂದೆ. "ಅಷ್ಟೇನಾ?" ಅಂತ ಫೋನ್ ಕೆಳಗಿಟ್ಟುಬಿಟ್ಟ.

ಆ ಕೊನೆಯ ಸೀಸನ್ ನನಗೆ ಇವತ್ತಿಗೂ ಅರ್ಥವಾಗಿಲ್ಲ. 1992ರ ನವೆಂಬರ್‌ನಲ್ಲಿ ಇಟಲಿಯ ಮಿಲಾನ್ ತಂಡಕ್ಕೆ ಆಡುತ್ತಾ ಸ್ವೀಡನ್ನಿನ ಗೋಥೆನ್‌ಬರ್ಗ್ ಮೇಲೆ ಒಂದೇ ಮ್ಯಾಚಲ್ಲಿ ನಾಲ್ಕು ಗೋಲು. ಡಿಸೆಂಬರ್‌ನಲ್ಲಿ ಮೂರನೇ ಬ್ಯಾಲನ್ ಡಿ'ಓರ್, ಅಂದರೆ ವರ್ಷದ ಶ್ರೇಷ್ಠ ಆಟಗಾರನ ಪ್ರಶಸ್ತಿ. ಅದೇ ಡಿಸೆಂಬರ್‌ನಲ್ಲಿ ಆಪರೇಷನ್. ಮೇ ತಿಂಗಳಲ್ಲಿ ಚಾಂಪಿಯನ್ಸ್ ಲೀಗ್ ಫೈನಲ್ ಆಡಿದ, ಆಮೇಲೆ ಮತ್ತೆ ಮೈದಾನಕ್ಕೇ ಇಳಿಯಲಿಲ್ಲ. ಫೈನಲ್‌ನಲ್ಲಿ ಎದುರಾಳಿ, ಫ್ರಾನ್ಸಿನ ಮಾರ್ಸೇ ತಂಡದ ಬೋಲಿ ಹಿಂದಿನಿಂದ ಒದ್ದಿದ್ದಕ್ಕೆ ಕಾಲು ಹೋಯ್ತು ಅಂತ ನಮ್ಮ ಕಾಲದವರೆಲ್ಲ ಹೇಳುತ್ತಿದ್ದರು. ನಿಜವಾ? ಈಗಿನ ಚಿಕಿತ್ಸೆ ಇದ್ದಿದ್ದರೆ ಉಳಿಯುತ್ತಿದ್ದನಾ?

ಉತ್ತರ:

ಸಾರ್, ನಿಮ್ಮ ಮೊಮ್ಮಗನ "ಅಷ್ಟೇನಾ" ಓದಿ ನನಗೂ ಒಂದು ಕ್ಷಣ ಏನೂ ತೋಚಲಿಲ್ಲ. ಇಪ್ಪತ್ತೆರಡು ವರ್ಷದಿಂದ ಮೈಸೂರಿನಲ್ಲಿ ಆಟಗಾರರ ಮೊಣಕಾಲು, ಕಾಲುಗಿಣ್ಣು ನೋಡುತ್ತಿದ್ದೇನೆ. ಆದರೂ ವಿದ್ಯಾರ್ಥಿಗಳಿಗೆ ಗಿಣ್ಣಿನ ಪಾಠ ಮಾಡುವಾಗ ಇವನ ಕಥೆಯಿಂದಲೇ ಶುರು ಮಾಡುವುದು.

ಬೋಲಿಯ ವಿಷಯ ಮೊದಲು ಮುಗಿಸುತ್ತೇನೆ. ಒದೆತ ಬಿದ್ದದ್ದು ಹೌದು, ನೋವು ಹೆಚ್ಚಿಸಿದ್ದೂ ಹೌದು. ಆದರೆ ಆ ಕಾಲು ಹಾಳಾದದ್ದು ಅವತ್ತಲ್ಲ. ಸುಮಾರು ಆರೂವರೆ ವರ್ಷ ಹಿಂದೆ ಹೋಗಿ. 1986ರ ಡಿಸೆಂಬರ್, ಅಯಾಕ್ಸ್ ತಂಡಕ್ಕೆ ಆಡುತ್ತಿದ್ದಾನೆ, ಎದುರಿಗೆ ಗ್ರೋನಿಂಗನ್. ಬೇರೆ ಯಾರೋ ಒದ್ದದ್ದಲ್ಲ. ಎದುರಾಳಿಯ ಚೆಂಡು ಕಸಿಯಲು ತಾನೇ ಟ್ಯಾಕಲ್‌ಗೆ ಹೋಗಿ ತನ್ನ ಗಿಣ್ಣು ಪೆಟ್ಟು ಮಾಡಿಕೊಂಡ. ಇಪ್ಪತ್ತೆರಡು ವರ್ಷದ ಹುಡುಗ. ಅಷ್ಟಕ್ಕೇ ನಿಂತು ಪೂರ್ತಿ ವಾಸಿ ಮಾಡಿಕೊಂಡಿದ್ದರೆ ನಾವಿಬ್ಬರೂ ಇವತ್ತು ಬೇರೆ ಏನೋ ಮಾತಾಡುತ್ತಿದ್ದೆವು. ಆದರೆ ಆ ವರ್ಷ ಅಯಾಕ್ಸ್‌ಗೆ ಯೂರೋಪಿನ ಕಪ್ ಕಣ್ಣಿಗೆ ಕಾಣುತ್ತಿತ್ತು. ಕೋಚ್ ಯೋಹಾನ್ ಕ್ರೈಫ್. ಎಲ್ಲ ಪಂದ್ಯ ಬೇಡ, ಯೂರೋಪಿನ ಪಂದ್ಯ ಮಾತ್ರ ಆಡು ಅನ್ನುವ ಹಾಗೆ ಒಂದು ಒಪ್ಪಂದ. 1987ರ ಮೇ, ಅಥೆನ್ಸ್‌ನಲ್ಲಿ ಕಪ್ ವಿನ್ನರ್ಸ್ ಕಪ್ ಫೈನಲ್, ಲೈಪ್‌ಜಿಗ್ ವಿರುದ್ಧ 1-0. ಆ ಒಂದು ಗೋಲು ಇವನದೇ. ಕಪ್ ಬಂತು. ಗಿಣ್ಣು ಆ ಲೆಕ್ಕವನ್ನು ಮರೆಯಲಿಲ್ಲ.

ಒಳಗೆ ಏನಾಗುತ್ತದೆ ಅಂತ ಹೇಳಿಬಿಡುತ್ತೇನೆ. ಮನೆಯಲ್ಲಿ ರಾಗಿ ಬೀಸುವ ಕಲ್ಲು ನೋಡಿದ್ದೀರಲ್ಲ? ನಡುವಿನ ಗೂಟ ಬಿಗಿಯಾಗಿದ್ದರೆ ಮೇಲಿನ ಕಲ್ಲು ಸಮವಾಗಿ ತಿರುಗುತ್ತದೆ. ಗೂಟ ಸಡಿಲವಾದರೆ ಕಲ್ಲು ಓಲಾಡುತ್ತದೆ, ಒಂದೇ ಕಡೆ ಸವೆಯುತ್ತದೆ. ಗಿಣ್ಣಿನಲ್ಲಿ ಆ ಗೂಟದ ಕೆಲಸ ಮಾಡುವುದು ಲಿಗಮೆಂಟ್, ಮೂಳೆಗೆ ಮೂಳೆಯನ್ನು ಬಿಗಿದಿಡುವ ಪಟ್ಟಿ. ಅದು ಹರಿದು ಸಡಿಲವಾಗಿಯೇ ಉಳಿದರೆ, ಪ್ರತಿ ಓಟದಲ್ಲೂ, ಪ್ರತಿ ತಿರುವಿನಲ್ಲೂ ಒಳಗಿನ ಮೂಳೆ ಒಂದು ಕೂದಲೆಳೆಯಷ್ಟು ಪಕ್ಕಕ್ಕೆ ಜಾರುತ್ತದೆ. ಮೂಳೆಗಳ ತುದಿಗೆ ನುಣುಪಾದ ಹೊದಿಕೆ ಇರುತ್ತದೆ, ಕಾರ್ಟಿಲೇಜ್ ಅಂತ. ಗಿಣ್ಣಿನಲ್ಲಿ ಅದು ಒಂದೂವರೆ ಮಿಲಿಮೀಟರ್ ಆಸುಪಾಸು, ಅಷ್ಟೇ. ಅದಕ್ಕೆ ರಕ್ತನಾಳವೇ ಇಲ್ಲ. ರಕ್ತ ಹೋಗದ ಜಾಗ ತಾನಾಗಿ ವಾಸಿಯಾಗುವುದಿಲ್ಲ. ನರವೂ ಇಲ್ಲದ್ದರಿಂದ ಸವೆಯಲು ಶುರುವಾದಾಗ ನೋಯುವುದೂ ಇಲ್ಲ. ನೋವು ಗೊತ್ತಾಗುವ ಹೊತ್ತಿಗೆ ತುಂಬ ಸವೆದಿರುತ್ತದೆ.

ಮಿಲಾನ್‌ಗೆ ಹೋದ ಮೊದಲ ಸೀಸನ್, 1987-88ರಲ್ಲಿ, ಗಿಣ್ಣಿನ ತೊಂದರೆಯಿಂದ ಲೀಗ್‌ನಲ್ಲಿ ಆಡಿದ್ದು 11 ಪಂದ್ಯ. ಅದೇ ಬೇಸಿಗೆಯಲ್ಲಿ ಯೂರೋ, 5 ಗೋಲು, ನಿಮ್ಮ ಮೊಮ್ಮಗ ನೋಡಿದ ವಾಲಿ. ತಿಂಗಳುಗಟ್ಟಲೆ ಕೂತಿದ್ದರಿಂದ ದೇಹಕ್ಕೆ ಸಿಕ್ಕ ವಿಶ್ರಾಂತಿಯೂ ಆ ಟೂರ್ನಿಗೆ ಕೂಡಿಬಂತು ಅಂತ ನನ್ನ ಅಭಿಪ್ರಾಯ.

ಈಗ ನಿಮ್ಮ ಸೀಸನ್‌ಗೆ ಬರುತ್ತೇನೆ. 1992-93ರಲ್ಲಿ ಲೀಗ್‌ನಲ್ಲಿ 15 ಪಂದ್ಯ, 13 ಗೋಲು. ಅಂಕಿ ಮಾತ್ರ ನೋಡಿದವರಿಗೆ ಇವನಿಗೆ ರೋಗವೇ ಇಲ್ಲ ಅನ್ನಿಸುತ್ತದೆ. ನನ್ನ ಕೆಲಸದಲ್ಲಿ ಅತಿ ಕಷ್ಟದ ಪೇಷಂಟ್ ಇಂಥವನೇ. ಚೆನ್ನಾಗಿ ಆಡುತ್ತಿರುವವನಿಗೆ "ನಿಲ್ಲಿಸು" ಅಂದರೆ ನಮ್ಮನ್ನೇ ಹುಚ್ಚರ ಹಾಗೆ ನೋಡುತ್ತಾರೆ. ಡಿಸೆಂಬರ್‌ನಲ್ಲಿ ಸ್ವಿಟ್ಜರ್ಲೆಂಡಿನ ಸೇಂಟ್ ಮೋರಿಟ್ಜ್‌ನಲ್ಲಿ ಆಪರೇಷನ್ ಆಯಿತು. ಅವನು ಹೊರಗಿದ್ದಾಗಲೇ, ಮಾರ್ಚ್‌ನಲ್ಲಿ, ಮಿಲಾನ್‌ನ 58 ಲೀಗ್ ಪಂದ್ಯಗಳ ಅಜೇಯ ಓಟಕ್ಕೆ ಪಾರ್ಮಾ ತಂಡ ಕೊನೆ ಹಾಡಿತು. ಏಪ್ರಿಲ್ ಕೊನೆಗೆ ವಾಪಸ್ ಬಂದ. ಒಂದೇ ತಿಂಗಳಲ್ಲಿ, ಮೇ 26ಕ್ಕೆ, ಫೈನಲ್.

ಫೈನಲ್ ಎಲ್ಲಿ ಗೊತ್ತಾ ಸಾರ್? ಮ್ಯೂನಿಕ್‌ನ ಒಲಿಂಪಿಕ್ ಸ್ಟೇಡಿಯಂ. 1988ರಲ್ಲಿ ಆ ವಾಲಿ ಹೊಡೆದದ್ದು ಅದೇ ಮೈದಾನದಲ್ಲಿ. ಐದು ವರ್ಷದ ಅಂತರದಲ್ಲಿ ಎರಡೂ ವಿಡಿಯೋ ಅಕ್ಕಪಕ್ಕ ಇಟ್ಟು ನೋಡಿ. ಚೆಂಡನ್ನಲ್ಲ, ಕಾಲನ್ನು ನೋಡಿ. ಫೈನಲ್‌ನಲ್ಲಿ ಜಿಗಿದು ಕೆಳಗೆ ಬರುವಾಗ ಭಾರ ಪೂರ್ತಿ ಬಿಡುವುದಿಲ್ಲ, ತಿರುಗುವಾಗ ಚಿಕ್ಕ ಚಿಕ್ಕ ಹೆಜ್ಜೆ ಇಟ್ಟು ತಿರುಗುತ್ತಾನೆ. ಪಂದ್ಯ ಮುಗಿಯಲು ಕೆಲವೇ ನಿಮಿಷ ಇರುವಾಗ ಹೊರಗೆ ಕರೆದರು. 0-1 ಸೋಲು. ವಯಸ್ಸು 28.

ಇನ್ನೊಂದು ತಮಾಷೆ ಹೇಳಬೇಕು. ಆ ಒಂದು ಗೋಲು ಹೊಡೆದ ಬೋಲಿಗೂ ಅವತ್ತು ಮೊಣಕಾಲು ನೋವು. ನನ್ನನ್ನು ಹೊರಗೆ ಕರೆಯಿರಿ ಅಂತ ಕೇಳಿಕೊಂಡಿದ್ದ. ಅರ್ಧ ಸಮಯದವರೆಗೆ ಇರು ಅಂದರು. ಅರ್ಧ ಸಮಯಕ್ಕೆ ಸ್ವಲ್ಪ ಮುಂಚೆ ಕಾರ್ನರ್‌ಗೆ ತಲೆ ಕೊಟ್ಟ! ನೋವಿನಲ್ಲಿ ಆಡಿ ಗೆದ್ದ ಇಂಥ ಒಂದು ಕಥೆ ಸಾಕು, ಊರೂರಿನ ಕೋಚ್‌ಗಳು ಹತ್ತು ವರ್ಷ ಹುಡುಗರಿಗೆ ಹೇಳಿಕೊಂಡು ಓಡಾಡುತ್ತಾರೆ.

ಆಮೇಲಿನದು ಬೇಗ ಹೇಳಿ ಮುಗಿಸುತ್ತೇನೆ, ಬರೆಯಲು ಮನಸ್ಸಾಗುವುದಿಲ್ಲ. ಮತ್ತೆ ಆಪರೇಷನ್, ಎರಡು ಪೂರ್ತಿ ಸೀಸನ್ ಹೊರಗೆ. ಕಾಲಿಗೆ ಹೊರಗಿನಿಂದ ಕಬ್ಬಿಣದ ಬಳೆ, ಸರಳು ತೊಡಿಸಿ ಕೀಲಿನ ಎರಡು ಮೂಳೆಯನ್ನು ಸ್ವಲ್ಪ ಸ್ವಲ್ಪವೇ ದೂರ ಎಳೆದು ಹಿಡಿಯುವ ಇಲಿಜರೋವ್ ಚಿಕಿತ್ಸೆಯನ್ನೂ ಮಾಡಿದರು. ಆಗಲಿಲ್ಲ. 1995ರ ಆಗಸ್ಟ್‌ನಲ್ಲಿ ವಿದಾಯ, ವಯಸ್ಸು 30. ಮಿಲಾನ್‌ನ ಮೈದಾನ ಸಾನ್ ಸಿರೋದಲ್ಲಿ ಜೀನ್ಸ್ ಹಾಕಿಕೊಂಡು ಒಂದು ಸುತ್ತು ನಡೆದು ಕೈ ಬೀಸಿದ; ಕೋಚ್ ಕಾಪೆಲ್ಲೊ ಅಳುತ್ತಿದ್ದರು. ಕೊನೆಗೆ ಆ ಕೀಲನ್ನೇ ಬೆಸೆದುಬಿಟ್ಟರು. ಬೆಸೆದರೆ ಪಾದ ಮೇಲೆ ಕೆಳಗೆ ಆಡುವುದಿಲ್ಲ, ಆದರೆ ನೋವು ಹೋಗುತ್ತದೆ.

ಇವತ್ತಾಗಿದ್ದರೆ? 1992ರ ಡಿಸೆಂಬರ್‌ನಲ್ಲಿ ನನ್ನ ಹತ್ತಿರ ಬಂದಿದ್ದರೆ ನಾನೂ ಹೆಚ್ಚೇನೂ ಮಾಡಲಾಗುತ್ತಿರಲಿಲ್ಲ. ಸವೆದ ಕಾರ್ಟಿಲೇಜ್ ಮೊದಲಿನಂತೆ ಮಾಡುವ ವಿದ್ಯೆ ಈಗಲೂ ಕೈಗೆ ಬಂದಿಲ್ಲ. 1986ರ ಡಿಸೆಂಬರ್‌ನಲ್ಲಿ ಬಂದಿದ್ದರೆ ಮಾತು ಬೇರೆ. ಎಂಆರ್‌ಐ, ಬೇಕಿದ್ದರೆ ಲಿಗಮೆಂಟ್ ರಿಪೇರಿ, ನಾಲ್ಕು ತಿಂಗಳು ನಮ್ಮ ಕೈಯಲ್ಲಿ ಬೈಸಿಕೊಳ್ಳುವುದು. ಅಥೆನ್ಸ್ ಫೈನಲ್ ತಪ್ಪುತ್ತಿತ್ತೇನೋ, ಅಷ್ಟೇ.

ಪ್ರತಿಕ್ರಿಯೆ (ಸರಸ್ವತಿಪುರಂ, ಮೈಸೂರು):

ಮೇಡಂ, ಹಾಗಾದ್ರೆ ಬ್ರೆಜಿಲ್‌ನ ರೊನಾಲ್ಡೊ ಹೇಗೆ ವಾಪಸ್ ಬಂದ? ಅವನ ಮೊಣಕಾಲು ಇದಕ್ಕಿಂತ ಘೋರವಾಗಿ ಹೋಗಿತ್ತಲ್ಲ.

ಉತ್ತರ:

ಒಳ್ಳೆ ಪ್ರಶ್ನೆ ಕಣಪ್ಪ. ನೋಡೋಕೆ ಅದು ಘೋರ, ನಿಜ. 2000ದ ಏಪ್ರಿಲ್ 12, ಅದೇ ಮೊಣಕಾಲಿಗೆ ಮೊದಲ ಸಲ ಪೆಟ್ಟಾಗಿ ಐದು ತಿಂಗಳ ಬಳಿಕ ಬದಲಿ ಆಟಗಾರನಾಗಿ ಬಂದು ಆರೇಳು ನಿಮಿಷಕ್ಕೇ ಮಂಡಿಚಿಪ್ಪಿನ ಕೆಳಗಿನ ಟೆಂಡನ್ ಪೂರ್ತಿ ಕಿತ್ತುಹೋಯಿತು. ಆ ವಿಡಿಯೋದಲ್ಲಿ ಅವನ ಕೂಗು ಕೇಳಲು ನನಗೆ ಈಗಲೂ ಆಗುವುದಿಲ್ಲ. ಆದರೆ ಟೆಂಡನ್ ಅಂದರೆ ಹಗ್ಗ. ಹಗ್ಗ ಹೊಲಿಯಬಹುದು, ಅದಕ್ಕೆ ಅಷ್ಟಿಷ್ಟು ರಕ್ತ ಹೋಗುತ್ತದೆ, ಕಾಲ ಕೊಟ್ಟರೆ ಕೂಡಿಕೊಳ್ಳುತ್ತದೆ. ಎರಡನೇ ಸಲ ಕಾಲ ಕೊಟ್ಟರು. 2002ರ ವಿಶ್ವಕಪ್‌ನಲ್ಲಿ 8 ಗೋಲು. 2008ರಲ್ಲಿ ಇನ್ನೊಂದು ಮೊಣಕಾಲಿನ ಟೆಂಡನ್ ಹೋಯಿತು, ಅದರಿಂದಲೂ ಎದ್ದು ಬಂದ. 2011ರ ಫೆಬ್ರವರಿಯಲ್ಲಿ ಬ್ರೆಜಿಲ್‌ನ ಕೊರಿಂಥಿಯನ್ಸ್ ಕ್ಲಬ್‌ನಲ್ಲಿ ಆಟ ನಿಲ್ಲಿಸುವಾಗ ಗಾಯದ ನೋವಿನ ಜೊತೆ ಥೈರಾಯ್ಡ್ ಸಮಸ್ಯೆಯನ್ನೂ ಹೇಳಿಕೊಂಡ. ಹರಿದದ್ದು ಹೊಲಿಯಬಹುದು, ಸವೆದದ್ದಕ್ಕೆ ಹೊಲಿಗೆ ಹಾಕುವುದೆಲ್ಲಿಗೆ?

ಪ್ರಶ್ನೆ (ಕಾಲೇಜು ತಂಡದ ಆಟಗಾರ, ಮೈಸೂರು):

ಅಕ್ಕಾ, ಸೆಮಿಫೈನಲ್‌ಗೆ ಮುಂಚೆ ಒಂದು ಇಂಜೆಕ್ಷನ್ ಹಾಕಿಸ್ಕೊಂಡ್ರೆ 90 ನಿಮಿಷ ಆರಾಮಾಗಿ ಆಡ್ಬಹುದು ಅಂತ ಸೀನಿಯರ್ ಒಬ್ರು ಹೇಳಿದ್ರು. ನನಗೂ ಗಿಣ್ಣು ನೋವೇ. ಒಂದೇ ಸಲ ಅಲ್ವಾ?

ಉತ್ತರ:

ನಿನ್ನ ಸೀನಿಯರ್ ನಂಬರ್ ಕಳಿಸು, ನಾನೇ ಮಾತಾಡ್ತೀನಿ.

ಇಂಜೆಕ್ಷನ್ ನೋವನ್ನು ಮರೆಸುತ್ತದೆ, ಗಿಣ್ಣನ್ನು ಬಿಗಿ ಮಾಡುವುದಿಲ್ಲ. ಮನೆಗೆ ಕಳ್ಳ ಬಂದಾಗ ನಾಯಿ ಬೊಗಳುತ್ತೆ ಅಂತ ನಾಯಿ ಬಾಯಿ ಕಟ್ಟಿದ ಹಾಗೆ. ಯೂರೋಪಿನ ದೊಡ್ಡ ಕ್ಲಬ್‌ಗಳಲ್ಲಿ ಇದನ್ನು ಮಾಡುವುದಿಲ್ಲ ಅಂತಲ್ಲ, ಮಾಡುತ್ತಾರೆ. ಅಲ್ಲಿ ಸ್ಕ್ಯಾನ್ ನೋಡಿದ ವೈದ್ಯ ಪಕ್ಕದಲ್ಲೇ ಕೂತಿರುತ್ತಾನೆ, ಆಟಗಾರನಿಗೆ ಏನು ಕಳೆದುಕೊಳ್ಳಬಹುದು ಅಂತ ಗೊತ್ತಿರುತ್ತದೆ. ನಿನಗೆ ಇಂಜೆಕ್ಷನ್ ಕೊಡುವವರು ಯಾರು, ಅದರಲ್ಲಿ ಇರುವುದೇನು, ಅದೂ ನಿನಗೆ ಗೊತ್ತಿಲ್ಲ. ಶನಿವಾರ ಸಂಜೆ ಬಾ. ಆಡುವ ಶೂ ತಗೊಂಡು ಬಾ, ಅದರ ಸವೆತ ನೋಡಬೇಕು.

ಪ್ರಶ್ನೆ (ಮಂಡ್ಯ):

ಮೇಡಂ ನಮಸ್ಕಾರ. ನಮ್ದು ಮಂಡ್ಯ ಹತ್ರ ಹಳ್ಳಿ, ಕಬ್ಬು ಬೆಳೀತೀವಿ. ಮಗನಿಗೆ ಹದಿನಾರು. ಐದು ವಾರದ ಹಿಂದೆ ಸ್ಟೇಡಿಯಂನಲ್ಲಿ ಆಡ್ತಾ ಕಾಲು ಉಳುಕಿಸ್ಕೊಂಡ. ಊದ್ಕೊಂಡು ಕಪ್ಪಾಗಿತ್ತು. ಎಣ್ಣೆ ಹಾಕಿ ಉಳುಕು ತೆಗೆಸ್ದೊ, ನಾಟಿ ಕಟ್ಟು ಹಾಕಿಸ್ದೊ. ಈಗ ಊತ ಇಲ್ಲ, ನಡೀತಾನೆ. ಇನ್ನು ಹತ್ತು ದಿನಕ್ಕೆ ಸೆಲೆಕ್ಷನ್ ಅಂತೆ. ಹೋಯ್ತೀನಿ ಅಂತ ಹಟ. ಮೇಲಿಂದ ನೀವು ಹೇಳಿದ ಕಥೆ ಓದಿ ಭಯ ಆಯ್ತು. ಕಳಿಸ್ಲೋ ಬೇಡ್ವೋ?

ಉತ್ತರ:

ಅಣ್ಣ, ಮೊದಲನೇದು, ಹೆದರಬೇಡಿ. ಕಾಲು ಉಳುಕಿದ ಹುಡುಗರಲ್ಲಿ ಹೆಚ್ಚಿನವರು ಪೂರ್ತಿ ಸರಿಹೋಗ್ತಾರೆ. ಕಟ್ಟು ಹಾಕಿಸಿದ್ದಕ್ಕೆ ಬೈಯಲ್ಲ, ಕಾಲನ್ನ ಅಲ್ಲಾಡದ ಹಾಗೆ ಇಟ್ಟಿದ್ದು ಒಳ್ಳೇದೇ. ಆದರೆ ಹೊಸ ಉಳುಕಿಗೆ ಎಣ್ಣೆ ಹಾಕಿ ಜೋರಾಗಿ ತಿಕ್ಕಿಸಿದ್ದು ತಪ್ಪು, ಒಳಗೆ ರಕ್ತ ಇನ್ನೂ ಹರಡುತ್ತೆ. ಎಕ್ಸ್‌ರೇ ತೆಗೆಸಿದ್ರಾ? ಪೆಟ್ಟಾದಾಗ ನಾಲ್ಕು ಹೆಜ್ಜೆ ಊರಲು ಆಗದಿದ್ದರೆ, ಅಥವಾ ಗಿಣ್ಣಿನ ಮೂಳೆಯ ಹಿಂಭಾಗ ಒತ್ತಿದರೆ ನೋಯುತ್ತಿದ್ದರೆ, ಎಕ್ಸ್‌ರೇ ಬೇಕೇ ಬೇಕು. ಈಗಲೂ ತಡ ಆಗಿಲ್ಲ, ಮೂಳೆ ಡಾಕ್ಟರಿಗೆ ಒಮ್ಮೆ ತೋರಿಸಿ.

"ನಡೀತಾನೆ" ಅನ್ನೋದನ್ನ ನಂಬಬೇಡಿ. ಹೋದ ವರ್ಷ ಒಬ್ಬ ಹುಡುಗ ವಾಸಿ ಆಗಿದೆ ಅಂತ ತೋರಿಸೋಕೆ ಚಾಮುಂಡಿ ಬೆಟ್ಟದ ಮೆಟ್ಟಿಲು ಪೂರ್ತಿ ಹತ್ತಿದ. ಇಳಿಯುವಾಗ ನಂದಿ ಹತ್ರ ಕೂತು ಅಪ್ಪನಿಗೆ ಫೋನ್ ಮಾಡಿದ, ಗಾಡಿ ತನ್ನಿ ಅಂತ.

ಇವತ್ತು ರಾತ್ರಿ ಹೀಗೆ ಮಾಡಿ. ಮಗ ಬರಿಗಾಲಲ್ಲಿ ಗೋಡೆಗೆ ಎರಡು ಬೆರಳು ತಾಗಿಸಿಕೊಂಡು ಒಂಟಿ ಕಾಲಲ್ಲಿ ನಿಲ್ಲಲಿ. ಮಂಡಿ ಬಗ್ಗಿಸದೆ ಹಿಮ್ಮಡಿ ಎತ್ತಿ ಇಳಿಸಲಿ. ಮೊದಲು ಒಳ್ಳೆ ಕಾಲು, ಆಮೇಲೆ ಪೆಟ್ಟಾದ ಕಾಲು. ಎಣಿಸೋದು ನೀವು, ಅವನಲ್ಲ. ಆಮೇಲೆ ಪೆಟ್ಟಾದ ಕಾಲ ಮೇಲೆ ನಿಂತು ಕಣ್ಣು ಮುಚ್ಚಲಿ, ಎಷ್ಟು ಹೊತ್ತು ನಿಲ್ತಾನೆ ನೋಡಿ. ಪಕ್ಕದಲ್ಲೇ ಇರಿ, ಬಿದ್ದಾನು. ಎರಡೂ ಕಾಲು ಹೆಚ್ಚುಕಮ್ಮಿ ಸಮ ಇಲ್ಲದೆ ಮೈದಾನಕ್ಕೆ ಇಳಿಸಬೇಡಿ. ಲೆಕ್ಕ ಇಲ್ಲಿ ಹಾಕಿ.

ಮಂಡ್ಯದವರು, ಮರುದಿನ:

ಮೇಡಂ, ಒಳ್ಳೆ ಕಾಲು 27. ಪೆಟ್ಟಾದ್ದು 9, ಅದೂ ಕೊನೇ ಎರಡು ಸರಿಯಾಗಿ ಏಳ್ಲಿಲ್ಲ, ನಾನೇ ಎಣಿಸ್ದೆ. ಕಣ್ಣು ಮುಚ್ಚಿದ್ರೆ ಮೂರು ಎಣಿಸೋದ್ರೊಳಗೆ ನನ್ನ ಹೆಗಲು ಹಿಡ್ಕೊಂಡ. ಕಳಿಸಲ್ಲ ಅಂದೆ. ನಿನ್ನೆ ರಾತ್ರಿಯಿಂದ ಮಾತಾಡ್ತಿಲ್ಲ, ಮುದ್ದೆ ಮುಟ್ಟಿಲ್ಲ. ಅವರವ್ವ ನನ್ನೇ ಬೈತಾವ್ಳೆ.

ಉತ್ತರ:

ಬೈಸಿಕೊಳ್ಳಿ ಅಣ್ಣ, ಈ ಕೆಲಸದಲ್ಲಿ ನನಗೂ ಅದು ಅಭ್ಯಾಸ. ಮೊದಲು ಎಕ್ಸ್‌ರೇ ತೆಗೆಸಿ, ಮೂಳೆ ಸರಿ ಇದೆ ಅಂತ ಡಾಕ್ಟರ್ ಹೇಳಿದ ಮೇಲೆ ಅವನ ಕೈಗೇ ಲೆಕ್ಕ ಕೊಡಿ. ಒಂದು ನೋಟ್‌ಬುಕ್, ದಿನಾ ಬೆಳಿಗ್ಗೆ ಹಲ್ಲುಜ್ಜುವಾಗ ಪೆಟ್ಟಾದ ಕಾಲಲ್ಲಿ ನಿಂತು ಉಜ್ಜಲಿ, ಸಂಜೆ ಹಿಮ್ಮಡಿ ಎಣಿಸಿ ಬರೆಯಲಿ. ನೋವಿದ್ದ ದಿನ ಬಿಡಲಿ. 9ರಿಂದ 25ಕ್ಕೆ ಬಂದ ದಿನ ನನಗೆ ಫೋಟೋ ಕಳಿಸಲಿ, ಆಮೇಲೆ ಓಟ ಹೇಗೆ ಶುರು ಮಾಡೋದು ಅಂತ ಹೇಳ್ತೀನಿ. ಆ ನಾಟಿ ಕಟ್ಟಿನ ಬಟ್ಟೆ ಇನ್ನೂ ಕಾಲಲ್ಲಿದ್ದರೆ ಬಿಚ್ಚಿಬಿಡಿ.

ಮಂಡ್ಯದವರು:

ಬಿಚ್ದೆ ಮೇಡಂ. ನೋಟ್‌ಬುಕ್ ತಂದಿಟ್ಟಿದೀನಿ. ಮುಟ್ಟಿಲ್ಲ, ಆದ್ರೆ ಬೆಳಿಗ್ಗೆ ಬಚ್ಚಲ ಹತ್ರ ಒಂಟಿ ಕಾಲಲ್ಲಿ ನಿಂತಿದ್ದ.