ಗ್ಲೊಗ್ ಕಹಿಯಾಗುವುದೇಕೆ? ಅಜ್ಜಿಯ ಚೀಟಿಯಲ್ಲಿರುವ ‘ಲಾಗೊಮ್’ ಎಂದರೆ ಎಷ್ಟು?

ನಸುಬೆಳಕು (ಉಪ್ಸಾಲಾ):

ಎಲ್ಲರಿಗೂ ನಮಸ್ಕಾರ. ಕ್ರಿಸ್‌ಮಸ್‌ಗೆ ಮುಂಚಿನ ನಾಲ್ಕು ಭಾನುವಾರಗಳ ಕಾಲವಾದ ಅಡ್ವೆಂಟ್‌ನ ಮೊದಲ ಭಾನುವಾರಕ್ಕೆ ಇನ್ನು 12 ದಿನ ಉಳಿದಿವೆ. ಅಷ್ಟರೊಳಗೆ ಗ್ಲೊಗ್, ಅಂದರೆ ಇಲ್ಲಿನ ಮಸಾಲೆ ಹಾಕಿದ ಬಿಸಿ ವೈನ್, ಮಾಡುವುದನ್ನು ನಾನು ಸರಿಯಾಗಿ ಕಲಿಯಬೇಕು. ಕಾರಣ ಹೇಳುತ್ತೇನೆ.

ನಾವು ಸ್ವೀಡನ್ನಿಗೆ ಬಂದ ಮೊದಲ ಡಿಸೆಂಬರ್‌ನಲ್ಲಿ ಮಧ್ಯಾಹ್ನ ಮೂರಾಗುವ ಮೊದಲೇ ಸೂರ್ಯ ಮುಳುಗುವುದನ್ನು ಕಂಡು ನನಗೆ ಮಂಕು ಕವಿದಂತಾಗಿತ್ತು. ಆಗ ಕೆಳಗಿನ ಮನೆಯ ಅಜ್ಜಿ ಬಾಗಿಲು ತಟ್ಟಿ ನಮ್ಮಿಬ್ಬರನ್ನೂ ಕರೆದುಕೊಂಡು ಹೋದರು. ಕಿಟಕಿಯಲ್ಲಿ ನಾಲ್ಕು ಮೇಣದಬತ್ತಿಗಳ ಅಡ್ವೆಂಟ್ ದೀಪ, ಒಂದು ಮಾತ್ರ ಹೊತ್ತಿಸಿದ್ದು. ಮೇಜಿನ ಮೇಲೆ ಹಿಡಿಯಿರುವ ಪುಟ್ಟ ಪುಟ್ಟ ಬಟ್ಟಲುಗಳು. ಪ್ರತಿಯೊಂದರ ತಳದಲ್ಲಿ ಸಿಪ್ಪೆ ಸುಲಿದ ಬಾದಾಮಿ ಮೂರು, ಒಣದ್ರಾಕ್ಷಿ ಒಂದಿಷ್ಟು. ಅದರ ಮೇಲೆ ಬಿಸಿ ಗ್ಲೊಗ್ ಸುರಿದು ಸಣ್ಣ ಚಮಚ ಇಟ್ಟರು. ಆ ಏಲಕ್ಕಿಯ ಘಮ ಮೂಗಿಗೆ ಬಡಿದಾಗ ಊರು ಬಿಟ್ಟು ಬಂದ ಮೇಲೆ ಮೊದಲ ಸಲ ನಾನು ನಿರಾಳವಾಗಿ ಉಸಿರಾಡಿದೆ.

ಈ ಶರತ್ಕಾಲದಲ್ಲಿ ಅಜ್ಜಿ ವೃದ್ಧಾಶ್ರಮ ಸೇರಿದರು. ಕೈ ನಡುಗುವುದರಿಂದ ಇನ್ನು ಅವರಿಗೆ ಒಲೆಯ ಮುಂದೆ ನಿಲ್ಲಲಾಗದು. ಹೋಗುವಾಗ ತಮ್ಮ ಪಾಕದ ಚೀಟಿಯನ್ನು ನನಗೆ ಕೊಟ್ಟರು. ಅದರಲ್ಲಿರುವುದು ಇಷ್ಟು: ಕೆಂಪು ವೈನ್ 1 ಬಾಟಲಿ, ಬ್ರೆನ್‌ವಿನ್ (ಬಣ್ಣವಿಲ್ಲದ ಜೋರು ಮದ್ಯ) 2 ಡೆಸಿಲೀಟರ್, ಸಕ್ಕರೆ ಒಂದೂವರೆ ಡೆಸಿಲೀಟರ್, ದಾಲ್ಚಿನ್ನಿ 2 ಕಡ್ಡಿ, ಲವಂಗ 15, ಏಲಕ್ಕಿ ಕಾಳು 2 ಚಿಕ್ಕ ಚಮಚ, ಒಣಶುಂಠಿ 1 ತುಂಡು. ಕೊನೆಯ ಸಾಲು: ‘ಪೊಮೆರಾನ್ಸ್ ಸಿಪ್ಪೆ, ಲಾಗೊಮ್’. ಮಾಡುವ ವಿಧಾನ ಒಂದಕ್ಷರವೂ ಇಲ್ಲ.

ಕಳೆದ ವಾರ ಒಮ್ಮೆ ಮಾಡಿ ನೋಡಿದೆ. ಎಲ್ಲವನ್ನೂ ಒಂದೇ ಪಾತ್ರೆಗೆ ಹಾಕಿ ಕಷಾಯದಂತೆ 20 ನಿಮಿಷ ಕುದಿಸಿದೆ. ಮನೆಯಲ್ಲಿ ದಾಲ್ಚಿನ್ನಿ ಕಡ್ಡಿ ಇರಲಿಲ್ಲ, ಪುಡಿ ಹಾಕಿದೆ. ಪೊಮೆರಾನ್ಸ್ ಬದಲು ಸಾಮಾನ್ಯ ಕಿತ್ತಳೆಯ ಸಿಪ್ಪೆಯನ್ನು ದಪ್ಪಗೆ ಸುಲಿದು ಹಾಕಿದೆ. ಗ್ಲೊಗ್ ಕದಡಿಹೋಯಿತು, ತಳದಲ್ಲಿ ಲೋಳೆ ಕೂತಿತು, ಒಂದು ಗುಟುಕಿಗೆ ನಾಲಿಗೆ ಜೋಮು ಹಿಡಿಯಿತು. ಕಹಿ ಗಂಟಲು ಬಿಟ್ಟು ಹೋಗಲೇ ಇಲ್ಲ. ಮೊದಲ ಅಡ್ವೆಂಟ್‌ನಂದು ಫ್ಲಾಸ್ಕಿನಲ್ಲಿ ತುಂಬಿಕೊಂಡು ಅಜ್ಜಿಯ ಬಳಿ ಹೋಗಬೇಕೆಂದಿದ್ದೇನೆ. ಎಲ್ಲಿ ತಪ್ಪಿದೆ, ದಯವಿಟ್ಟು ತಿಳಿದವರು ಹೇಳಿ.

ಹಿಮಕೋಗಿಲೆ (ಗೋಥೆನ್‌ಬರ್ಗ್):

ನಸುಬೆಳಕು ಅವರೇ, ನಿಮ್ಮ ಪತ್ರ ಓದಿ ನಮ್ಮ ಅತ್ತೆಯವರ ನೆನಪಾಯಿತು. ನಾನು ಮದುವೆಯಾಗಿ ಬಂದದ್ದು ದಾಲಾರ್ನಾದ ಸ್ವೀಡಿಷ್ ಮನೆಗೆ. 22 ವರ್ಷಗಳಿಂದ ಪ್ರತಿ ನವೆಂಬರ್‌ನಲ್ಲಿ ಗ್ಲೊಗ್ ಮಾಡುತ್ತಿದ್ದೇನೆ. ಅತ್ತೆಯವರು ಮೊದಲ ದಿನವೇ ಹೇಳಿಕೊಟ್ಟದ್ದನ್ನು ನಿಮಗೂ ಹೇಳುತ್ತೇನೆ: ಸಾರ ಇಳಿಯುವುದು ಬ್ರೆನ್‌ವಿನ್‌ಗೆ, ಬೆಂಕಿಯ ಮೇಲಲ್ಲ. ನಿಮ್ಮ ಚೀಟಿಯಲ್ಲಿ ಬ್ರೆನ್‌ವಿನ್ ಇರುವುದು ಅಮಲು ಏರಿಸಲಿಕ್ಕೆ ಎಂದುಕೊಂಡಿರಾ? ಅದರ ಮುಖ್ಯ ಕೆಲಸ ಬೇರೆಯೇ. ಲವಂಗ, ದಾಲ್ಚಿನ್ನಿಗಳ ಪರಿಮಳವಿರುವುದು ಅವುಗಳ ಎಣ್ಣೆಯಲ್ಲಿ. ಆ ಎಣ್ಣೆ ನೀರಿಗೆ ಸುಲಭವಾಗಿ ಬಿಟ್ಟುಕೊಡುವುದಿಲ್ಲ, ಮದ್ಯಸಾರಕ್ಕೆ ತಾನಾಗಿ ಬಿಟ್ಟುಕೊಡುತ್ತದೆ.

ಆದ್ದರಿಂದ ಹೀಗೆ ಮಾಡಿ. ಬಿಗಿ ಮುಚ್ಚಳದ ಗಾಜಿನ ಜಾಡಿಯೊಂದನ್ನು ಬಿಸಿನೀರಿನಲ್ಲಿ ತೊಳೆದು ಒಣಗಿಸಿ. ದಾಲ್ಚಿನ್ನಿ ಕಡ್ಡಿಗಳನ್ನು ಮುರಿದು ಹಾಕಿ. ಏಲಕ್ಕಿ ಕಾಳುಗಳನ್ನು ಕುಟ್ಟಾಣಿಯಲ್ಲಿ ಒಂದೇ ಪೆಟ್ಟು ಕೊಟ್ಟು ಬಿರುಕು ಬಿಡಿಸಿ, ಪುಡಿ ಮಾಡಬೇಡಿ. ಶುಂಠಿ, ಪೊಮೆರಾನ್ಸ್ ಸಿಪ್ಪೆ ಸೇರಿಸಿ, ಪರಿಮಳ ಬೆರೆಸದ ಬ್ರೆನ್‌ವಿನ್ ಸುರಿಯಿರಿ, ಶೇಕಡಾ 37.5ರಿಂದ 40ರಷ್ಟು ಮದ್ಯಸಾರವಿರುವ ಯಾವುದಾದರೂ ಸರಿ. ಮುಚ್ಚಿ ಕತ್ತಲಲ್ಲಿಟ್ಟು ದಿನಕ್ಕೊಮ್ಮೆ ಅಲುಗಾಡಿಸಿ. ಮೂರನೆಯ ದಿನಕ್ಕೆ ಅದು ಚಹದ ಡಿಕಾಕ್ಷನ್ನಿನ ಬಣ್ಣಕ್ಕೆ ತಿರುಗುತ್ತದೆ. ಆರೇಳು ದಿನ ಸಾಕು.

ಲವಂಗದ ವಿಷಯದಲ್ಲಿ ಮಾತ್ರ ನಾನು ನಿಮ್ಮ ಅಜ್ಜಿಗಿಂತ ಜಿಪುಣಿ. ಉಳಿದ ಮಸಾಲೆಗಳನ್ನು ಹಾಕಿದಾಗ ಲವಂಗ ಹಾಕುವುದಿಲ್ಲ. ಕೊನೆಯ ಎರಡು ದಿನ ಮಾತ್ರ ಹಾಕುತ್ತೇನೆ. ವಾರವಿಡೀ ಬಿಟ್ಟರೆ ಅದೊಂದೇ ಜಾಡಿಯನ್ನೆಲ್ಲ ಆಳುತ್ತದೆ. ನಿಮ್ಮ ನಾಲಿಗೆ ಜೋಮು ಹಿಡಿದದ್ದು ಲವಂಗದ ಎಣ್ಣೆಯಿಂದಲೇ.

ಲೋಳೆಗೆ ಕಾರಣ ದಾಲ್ಚಿನ್ನಿ ಪುಡಿ. ಅದು ಕರಗುವುದಿಲ್ಲ, ನೀರು ಹೀರಿ ಊದಿಕೊಳ್ಳುತ್ತದೆ. ಗ್ಲೊಗ್ಗಿಗೆ ಯಾವ ಪುಡಿಯನ್ನೂ ಹಾಕಬಾರದು. ಕಹಿಗೆ ಕಾರಣ ಸಿಪ್ಪೆಯ ಒಳಗಿನ ಬಿಳಿ ಭಾಗ. ಪೊಮೆರಾನ್ಸ್ ಎಂದರೆ ಕಹಿ ಕಿತ್ತಳೆ. ಒಣಗಿಸಿದ ಸಿಪ್ಪೆ ಸೂಪರ್ ಮಾರ್ಕೆಟ್‌ಗಳ ಮಸಾಲೆ ಸಾಲಿನಲ್ಲಿ ಪುಟ್ಟ ಪೊಟ್ಟಣಗಳಲ್ಲಿ ಸಿಗುತ್ತದೆ. ನೋಡಲು ಕಂದುಬಣ್ಣದ ಒಣ ಚಕ್ಕಳದ ತುಂಡಿನಂತಿರುತ್ತದೆ. ಅದನ್ನು ಕಂಡು ಹಳೆಯದೆಂದು ಬಿಟ್ಟುಬರಬೇಡಿ. ಅದನ್ನು ಸ್ವಲ್ಪ ಹೊತ್ತು ನೀರಿನಲ್ಲಿ ನೆನೆಸಿ, ಮೆತ್ತಗಾದ ಮೇಲೆ ಬಿಳಿ ಭಾಗವನ್ನು ಚಾಕುವಿನಿಂದ ಕೆರೆದು ತೆಗೆಯಿರಿ. ಉಳಿಯುವ ತೆಳುವಾದ ಹೊರಪದರಕ್ಕೆ ಒಂದು ಗಂಭೀರವಾದ ಕಹಿಯಿದೆ. ಆ ಕಹಿ ಬೇಕೇ ಬೇಕು, ಅದಿಲ್ಲದ ಗ್ಲೊಗ್ ಬರೀ ಸಿಹಿಪಾನಕ.

ಅಡ್ವೆಂಟ್ ದಿನ ಜಾಡಿಯದನ್ನು ತೆಳುಬಟ್ಟೆಯಲ್ಲಿ ಸೋಸಿಕೊಳ್ಳಿ. ಪಾತ್ರೆಗೆ ವೈನ್ ಮತ್ತು ಸಕ್ಕರೆ ಹಾಕಿ ಸಣ್ಣ ಉರಿಯಲ್ಲಿ ಸಕ್ಕರೆ ಕರಗುವವರೆಗೆ ಕದಡಿ. ಸೋಸಿದ್ದನ್ನು ಕೊನೆಯಲ್ಲಿ ಸೇರಿಸಿ. ಈಗ ಒಲೆಯ ಬಳಿಯಿಂದ ಕದಲಬೇಡಿ. ಮೇಲೆ ತೆಳುವಾದ ಹಬೆ ಸುರುಳಿ ಸುತ್ತತೊಡಗಿದರೆ, ಬೆರಳು ಅದ್ದಿದರೆ ಚುರುಕೆನ್ನುವಷ್ಟಾದರೆ ಸಾಕು, ಇಳಿಸಿಬಿಡಿ. ತಾಪಮಾಪಕವಿದ್ದರೆ 60ರಿಂದ 65 ಡಿಗ್ರಿ. ಮದ್ಯಸಾರ 78 ಡಿಗ್ರಿಗೆ ಕುದಿಯುತ್ತದೆ. ನೀವು 20 ನಿಮಿಷ ಕುದಿಸಿದಾಗ ಅದರ ಬಹುಪಾಲು ಅಡುಗೆಮನೆಯ ಗಾಳಿಗೆ ಹೋಗಿದೆ, ಪರಿಮಳವೂ ಅದರ ಹಿಂದೆಯೇ ಹೋಗಿದೆ. ಗ್ಲೊಗ್ ಎಂಬ ಹೆಸರೇ ‘ಬಿಸಿ ಮಾಡಿದ ವೈನ್’ ಎಂಬರ್ಥದ ಹಳೆಯ ಮಾತಿನಿಂದ ಬಂದದ್ದು. 1609ರಷ್ಟು ಹಿಂದೆಯೇ ಆ ಮಾತು ಬರಹದಲ್ಲಿದೆ. ಬಿಸಿ ಮಾಡಿದ್ದು, ಕುದಿಸಿದ್ದಲ್ಲ.

ವೈನ್ ದುಬಾರಿಯದು ಬೇಡ. ಹಣ್ಣಿನ ರುಚಿ ಮುಂದಿರುವ, ಒಗರು ಕಡಿಮೆಯಿರುವ ಕೆಂಪು ವೈನ್ ತನ್ನಿ. ಒಗರಿಗೆ ಲವಂಗ ಸೇರಿದರೆ ಬಾಯಿ ಒಣಗುತ್ತದೆ. ಇನ್ನೊಂದು ಮಾತು: ಸರ್ಕಾರಿ ಮದ್ಯದಂಗಡಿ ಸಿಸ್ಟೆಮ್‌ಬೊಲಾಗೆಟ್ ಭಾನುವಾರ ತೆರೆದಿರುವುದಿಲ್ಲ, ಶನಿವಾರವೂ ಮಧ್ಯಾಹ್ನವೇ ಮುಚ್ಚುತ್ತದೆ. ದಿನಸಿ ಅಂಗಡಿಗಳಲ್ಲಿ ಶೇಕಡಾ 3.5ಕ್ಕಿಂತ ಹೆಚ್ಚಿನದು ಸಿಗುವುದೇ ಇಲ್ಲ. ಬ್ರೆನ್‌ವಿನ್ ಈ ವಾರವೇ ಬೇಕಲ್ಲವೇ, ವೈನನ್ನೂ ಜೊತೆಗೇ ತಂದಿಡಿ.

ಬಡಗುದಿಕ್ಕು (ಉಮೆಯೊ):

ಹಿಮಕೋಗಿಲೆಯವರು ಹೇಳಿದ್ದೆಲ್ಲ ಸರಿ. ಆದರೆ ಹಳೆಯ ವಿಧಾನದ ಸೊಗಸೇ ಬೇರೆ. ನನ್ನ ಸಹೋದ್ಯೋಗಿಯೊಬ್ಬರ ಮನೆಯಲ್ಲಿ ನೋಡಿದ್ದೇನೆ. ಪಾತ್ರೆಯ ಮೇಲೆ ತಂತಿಜಾಲರಿ ಇಟ್ಟು, ಅದರ ಮೇಲೆ ಶಂಕುವಿನಾಕಾರದ ಸಕ್ಕರೆಯ ಗಟ್ಟಿ ಇರಿಸಿದರು. ದೀಪ ಆರಿಸಿ, ಬಿಸಿ ಬ್ರೆನ್‌ವಿನ್ನನ್ನು ಸಕ್ಕರೆಯ ಮೇಲೆ ಸುರಿದು ಬೆಂಕಿ ಕೊಟ್ಟರು. ನೀಲಿ ಜ್ವಾಲೆಯಲ್ಲಿ ಸಕ್ಕರೆ ಕರಗಿ, ಕಂದುಗಟ್ಟಿ, ತೊಟ್ಟು ತೊಟ್ಟಾಗಿ ಕೆಳಗಿನ ವೈನಿಗೆ ಬೀಳುತ್ತಿತ್ತು. ಸುಟ್ಟ ಸಕ್ಕರೆಯ ಆ ರುಚಿ ಚಮಚದಲ್ಲಿ ಸಕ್ಕರೆ ಹಾಕಿದರೆ ಬರುವುದಿಲ್ಲ. ಒಮ್ಮೆ ಪ್ರಯತ್ನಿಸಿ ನೋಡಿ.

ಪುಟ್ಟನ ಅಮ್ಮ (ಮಾಲ್ಮೊ):

ಅಕ್ಕ, ಅಜ್ಜಿ ಯಾವುದಾದರೂ ಔಷಧಿ ತೆಗೆದುಕೊಳ್ಳುತ್ತಿರಬಹುದು. ಫ್ಲಾಸ್ಕ್ ಒಯ್ಯುವ ಮೊದಲು ಅಲ್ಲಿನ ದಾದಿಯನ್ನು ಕೇಳಿಬಿಡಿ. ಬೇಡವೆಂದರೆ ನಿರಾಶರಾಗಬೇಡಿ. ನಾನು ಎರಡು ವರ್ಷಗಳಿಂದ ಮದ್ಯವಿಲ್ಲದ ಗ್ಲೊಗ್ಗನ್ನೇ ಮಾಡುತ್ತಿದ್ದೇನೆ. ಮೊದಲ ವರ್ಷ ಬಸುರಿಯಾಗಿದ್ದೆ, ಈಗ ಮಗುವಿಗೆ ಹಾಲೂಡಿಸುತ್ತಿದ್ದೇನೆ.

ಅಂಗಡಿಯಲ್ಲಿ ಸಿದ್ಧವಾದದ್ದೂ ಸಿಗುತ್ತದೆ. ಆದರೆ ಅದು ನನಗೆ ತೀರಾ ಸಿಹಿ. 7 ಡೆಸಿಲೀಟರ್ ನೀರಿಗೆ ಅದೇ ಮಸಾಲೆಗಳನ್ನು ಹಾಕಿ ಒಂದು ಕುದಿ ಬರಿಸಿ, ಇಳಿಸಿ, ಮುಚ್ಚಿ ಅರ್ಧ ಗಂಟೆ ಬಿಡಿ. ಇಲ್ಲಿ ಕುದಿಸಬಹುದು, ಹಾರಿಹೋಗಲು ಮದ್ಯಸಾರವೇ ಇಲ್ಲವಲ್ಲ. ಸೋಸಿ, 3 ಡೆಸಿಲೀಟರ್ ಬ್ಲ್ಯಾಕ್‌ಕರಂಟ್ ಹಣ್ಣಿನ ಗಟ್ಟಿ ಪಾನಕ ಸೇರಿಸಿ. ಈ ಹಣ್ಣಿನ ಹುಳಿ ಮತ್ತು ಕಡುಬಣ್ಣ ವೈನಿನ ಜಾಗವನ್ನು ಚೆನ್ನಾಗಿ ತುಂಬುತ್ತವೆ. ಪಾನಕದಲ್ಲಿ ಸಕ್ಕರೆ ಇದ್ದೇ ಇರುತ್ತದೆ, ಮತ್ತೆ ಹಾಕಬೇಡಿ. ಲೂಸಿಯಾ ಹಬ್ಬದ ಬೆಳಗ್ಗೆ, ಡಿಸೆಂಬರ್ 13ರಂದು, ಕೇಸರಿ ಬನ್ನಿನ ಜೊತೆ ನಮ್ಮ ಮನೆಯಲ್ಲಿ ಕುಡಿಯುವುದು ಇದನ್ನೇ.

ಹಿಮಕೋಗಿಲೆ (ಗೋಥೆನ್‌ಬರ್ಗ್):

ದಾದಿಯನ್ನು ಕೇಳಬೇಕೆಂಬುದು ನನಗೆ ಹೊಳೆದಿರಲಿಲ್ಲ, ಪುಟ್ಟನ ಅಮ್ಮ ಹೇಳಿದ್ದು ಒಳ್ಳೆಯದಾಯಿತು. ಲೆಕ್ಕ ಹಾಕಿದರೆ ಚೀಟಿಯಲ್ಲಿರುವ ಅಳತೆಗೆ ಶೇಕಡಾ 16ರಿಂದ 18ರಷ್ಟು ಮದ್ಯಸಾರ ಬರುತ್ತದೆ, ಅಂದರೆ ವೈನಿಗಿಂತ ಜೋರು. ಬಟ್ಟಲುಗಳು ಅಷ್ಟು ಚಿಕ್ಕವಾಗಿರುವುದು ಅದಕ್ಕೇ.

ಬಡಗುದಿಕ್ಕು ಅವರೇ, ನೀವು ಕಂಡದ್ದು ಸುಂದರವೇ, ಸಂಶಯವಿಲ್ಲ. ಆದರೆ ಅದನ್ನು ಮೊದಲ ಸಲ ಮಾಡುವವರಿಗೆ, ಅದೂ ಫ್ಲಾಟಿನ ಅಡುಗೆಮನೆಯಲ್ಲಿ, ದಯವಿಟ್ಟು ಹೇಳಬೇಡಿ. ಒಲೆಯ ಮೇಲಿನ ಫ್ಯಾನಿನ ಜಾಲರಿಯಲ್ಲಿ ಎಣ್ಣೆಯ ಜಿಡ್ಡು ಕೂತಿರುತ್ತದೆ. ಜ್ವಾಲೆ ಅಲ್ಲಿಗೆ ಮುಟ್ಟಿದರೆ ಕ್ಷಣದಲ್ಲಿ ಅನಾಹುತ. ಸುಟ್ಟ ಸಕ್ಕರೆಯ ರುಚಿ ಬೇಕೆಂದರೆ ಎರಡು ಚಮಚ ಸಕ್ಕರೆಯನ್ನು ಒಣ ಬಾಣಲೆಯಲ್ಲಿ ಜೇನುಬಣ್ಣಕ್ಕೆ ಕರಗಿಸಿ, ಒಲೆ ಆರಿಸಿ, ವೈನನ್ನು ಸ್ವಲ್ಪ ಸ್ವಲ್ಪವೇ ಸುರಿಯಿರಿ. ಸುಂಯ್ ಎಂದು ಹಬೆ ಏಳುತ್ತದೆ, ಮುಖ ದೂರವಿಟ್ಟುಕೊಳ್ಳಿ.

ನಸುಬೆಳಕು (ಉಪ್ಸಾಲಾ):

ಎಲ್ಲರಿಗೂ ತುಂಬು ಮನಸ್ಸಿನ ಧನ್ಯವಾದ. ಇಂದು ಮೊದಲ ಅಡ್ವೆಂಟ್. ಈಗಷ್ಟೇ ವೃದ್ಧಾಶ್ರಮದಿಂದ ಬಂದೆ, ಕೋಟು ತೆಗೆದು ಬರೆಯಲು ಕುಳಿತಿದ್ದೇನೆ.

ಜಾಡಿ ಏಳು ದಿನ ಬೀರುವಿನಲ್ಲಿತ್ತು. ಲವಂಗವನ್ನು ಐದನೆಯ ದಿನ ಹಾಕಿದೆ. ಪೊಮೆರಾನ್ಸ್ ಎಷ್ಟು ಹಾಕಬೇಕೆಂದು ತಿಳಿಯದೆ ಒಂದು ಸಣ್ಣ ಚೂರನ್ನಷ್ಟೇ ಹಾಕಿದ್ದೆ. ದಾದಿ ಔಷಧಿಗಳ ಪಟ್ಟಿ ನೋಡಿ, ಒಂದು ಪುಟ್ಟ ಬಟ್ಟಲು ಕೊಡಬಹುದು ಎಂದರು. ಜೊತೆಯಲ್ಲಿದ್ದ ಉಳಿದವರಿಗಾಗಿ ಪುಟ್ಟನ ಅಮ್ಮ ಹೇಳಿದ ಬ್ಲ್ಯಾಕ್‌ಕರಂಟ್ ಗ್ಲೊಗ್ಗನ್ನು ಇನ್ನೊಂದು ಫ್ಲಾಸ್ಕಿನಲ್ಲಿ ಒಯ್ದಿದ್ದೆ. ಬಾದಾಮಿಯನ್ನು ಬಿಸಿನೀರಿನಲ್ಲಿ ನೆನೆಸಿ, ಬೆರಳಿನಲ್ಲಿ ಹಿಸುಕಿ ಸಿಪ್ಪೆ ಜಾರಿಸುವ ಕೆಲಸವನ್ನು ನನ್ನ ಯಜಮಾನರು ಮಾಡಿದರು.

ಅಜ್ಜಿಯ ಬಟ್ಟಲನ್ನು ಅರ್ಧಕ್ಕೆ ತುಂಬಿಸಿ, ನಡುಗುವ ಕೈಗೆ ನನ್ನ ಕೈ ಆಸರೆ ಕೊಟ್ಟೆ. ಮೊದಲು ಮೂಸಿ ನೋಡಿದರು. ಒಂದು ಗುಟುಕು ಕುಡಿದರು. ಚಮಚ ಹಾಕಿ ಬಾದಾಮಿ ಹುಡುಕಿ ಬಾಯಿಗಿಟ್ಟು ನಿಧಾನವಾಗಿ ಅಗಿದರು. ಆಮೇಲೆ, ಏಲಕ್ಕಿ ಸರಿಯಾಗಿದೆ, ಪೊಮೆರಾನ್ಸ್ ಕಡಿಮೆಯಾಯಿತು ಎಂದರು. ಹಾಗಾದರೆ ಲಾಗೊಮ್ ಎಂದರೆ ಎಷ್ಟು ಎಂದು ಕೇಳಿದೆ. ನಮ್ಮ ‘ಹದವಾಗಿ’ ಎಂಬುದೂ ಅದೇ ಅಲ್ಲವೇ. ಅಮ್ಮನನ್ನು ಉಪ್ಪಿನ ಅಳತೆ ಕೇಳಿದಾಗಲೂ ಆ ಮಾತೇ ಬರುತ್ತಿತ್ತು. ಅಜ್ಜಿ ನನ್ನ ಹೆಬ್ಬೆರಳನ್ನು ಹಿಡಿದು ಬಿಡಿಸಿ, ಉಗುರಿನ ತುದಿಯಿಂದ ಬುಡದ ಗೆಣ್ಣಿನವರೆಗೆ ತಮ್ಮ ಬೆರಳು ಎಳೆದು ತೋರಿಸಿದರು: ಇಷ್ಟುದ್ದ, ಇಷ್ಟಗಲ.

ಚೀಟಿಯ ಆ ಸಾಲಿನ ಪಕ್ಕದಲ್ಲಿ ನನ್ನ ಹೆಬ್ಬೆರಳನ್ನಿಟ್ಟು ಪೆನ್ಸಿಲಿನಲ್ಲಿ ಗೆರೆ ಎಳೆದಿದ್ದೇನೆ. ಲೂಸಿಯಾಕ್ಕೆ ಮತ್ತೆ ಒಯ್ಯಬೇಕು. ನಾಳೆಯೇ ಜಾಡಿ ತೊಳೆದು ಮಸಾಲೆ ನೆನೆಹಾಕುತ್ತೇನೆ.