ಒಂಟಿತನದ ಮೇಲೆ ಪ್ರಯೋಗಾತ್ಮಕ ಕಿರುಚಿತ್ರ: 60 ಸಾವಿರದಲ್ಲಿ ಆಗುತ್ತಾ? ಮಾಡಿದವರು ಹೇಳಿ

ಪ್ರಶ್ನೆ: ಬೆಂಗಳೂರಿನ ಪಿಜಿಯಲ್ಲಿ ಒಬ್ಬನೇ ಇರೋ ಹುಡುಗ, 12 ನಿಮಿಷ, ಮಾತೇ ಇಲ್ಲ. ಮೆಟ್ರೋ ಸೀನ್ ಬೇಕೇ ಬೇಕು. ಬಜೆಟ್ 60 ಸಾವಿರ. ಅನುಭವ ಇರೋರು ದಯವಿಟ್ಟು ಹೇಳಿ.

ಸೌಂಡ್_ಸಂಕಟ: ಮಾತಿಲ್ಲ ಅಂದ್ರೆ ಸೌಂಡ್ ಖರ್ಚಿಲ್ಲ ಅಂದ್ಕೊಂಡ್ರಾ? ನನ್ನದೂ ಮಾತಿಲ್ಲದ್ದೇ. ಕ್ಯಾಮೆರಾ, ಎರಡು ಲೆನ್ಸ್ ಬಾಡಿಗೆ 9,500. ಊಟ, ಆಟೋ 7,200. ಸೌಂಡಿಗೆ 38,000! ಪಕ್ಕದ ಮನೆ ಮಿಕ್ಸಿ, ಸಂಪಿನ ಮೋಟಾರು, ಬೆಳಗಾದ್ರೆ ಕಸದ ಗಾಡಿ ಹಾಡು. ಫ್ರಿಜ್ ಆಫ್ ಮಾಡಿಸಿದ್ದಕ್ಕೆ ಓನರ್ ಆಂಟಿ ಹಾಲು ಒಡೀತು ಅಂತ ದುಡ್ಡು ಇಸ್ಕೊಂಡ್ರು. ಕೊನೆಗೆ ಚಪ್ಪಲಿ ಸದ್ದು, ಬಕೆಟ್ ಸದ್ದು ಎಲ್ಲಾ ಸ್ಟುಡಿಯೋದಲ್ಲೇ ಫೋಲಿ ಮಾಡಿಸಿದ್ದು, ಅಂದ್ರೆ ದೃಶ್ಯ ನೋಡ್ಕೊಂಡು ಸದ್ದನ್ನ ಹೊಸದಾಗಿ ಮಾಡಿ ರೆಕಾರ್ಡ್ ಮಾಡೋದು. ಮೆಟ್ರೋಗೆ ಬಿಎಂಆರ್‌ಸಿಎಲ್ ಅನುಮತಿ ಬೇಕು, ಅಷ್ಟೇ.

ಗ್ರೇನ್_ಹುಚ್ಚ: ಡಿಜಿಟಲ್‌ನಲ್ಲಿ ತೆಗೆದು ಪ್ರಯೋಗ ಅಂತೀರಲ್ಲ, ನಗು ಬರುತ್ತೆ. ನಾನು 16 ಎಂಎಂ ಫಿಲ್ಮ್ ರೀಲಲ್ಲಿ ತೆಗೆದವನು. 100 ಅಡಿ ರೋಲು, ಎರಡೂಮುಕ್ಕಾಲು ನಿಮಿಷಕ್ಕೆ ಖಾಲಿ. ತೊಳೆಸಿ ಸ್ಕ್ಯಾನ್ ಮಾಡಿಸೋ ಹೊತ್ತಿಗೆ ರೋಲಿಗೆ 11,000 ಬಿತ್ತು. ಒಂದು ರೋಲಿಗೆ ಬೆಳಕು ನುಗ್ಗಿ ಹಾಳಾಯ್ತು, ಅದನ್ನೂ ಸಿನಿಮಾದಲ್ಲಿ ಇಟ್ಟಿದ್ದೀನಿ. ಬೈಕ್ ಮಾರಿದೆ, ಬೇಜಾರಿಲ್ಲ.

ಮಲ್ಲೇಶ್ವರದ_ಮೊಮ್ಮಗಳು: ಎಲ್ಲರದ್ದೂ ಅದೇ ಪಿಜಿ, ಅದೇ ಕಿಟಕಿ, ಅದೇ ಹುಡುಗ. ಒಂಟಿತನ ಇಪ್ಪತ್ತೈದು ವರ್ಷದೋರಿಗೆ ಮಾತ್ರಾನಾ? ನಾನು ನಮ್ಮ ದೊಡ್ಡಮ್ಮನ್ನ ತೆಗೆದೆ, ಮಕ್ಕಳಿಬ್ಬರೂ ನ್ಯೂಜೆರ್ಸಿಲಿ. ಪ್ಯಾಕಪ್ ಅಂದ ತಕ್ಷಣ "ಆ ಶಾಟ್ ಸರಿಯಾಗಿ ಬಂದಿಲ್ವೇನೋ, ನಾಳೆ ಮತ್ತೆ ಬನ್ನಿ" ಅನ್ನೋರು. ಆಮೇಲೆ ಅರ್ಥ ಆಯ್ತು. ಶೂಟಿಂಗಿಗೆ 14,000, ಫೆಸ್ಟಿವಲ್ ಎಂಟ್ರಿ ಫೀಗೆ 31,000, ಅದೂ ಡಾಲರಲ್ಲಿ, ಮೇಲೆ ಬ್ಯಾಂಕಿನ ಚಾರ್ಜು. ಬಂದಿದ್ದೆಲ್ಲಾ ರಿಜೆಕ್ಷನ್ ಇಮೇಲೇ.

ಗ್ರೇನ್_ಹುಚ್ಚ: ಇದು ಸೆಂಟಿಮೆಂಟು ಮೇಡಂ. ಪ್ರಯೋಗ ಎಲ್ಲಿ ಬಂತು?

ಮಲ್ಲೇಶ್ವರದ_ಮೊಮ್ಮಗಳು: ನಿಮ್ಮದು ನೋಡಿದೀನಿ ಸರ್. ಟ್ಯೂಬ್‌ಲೈಟ್ ಮಿಣಮಿಣ ಅಂತಿತ್ತು. 50 ಹರ್ಟ್ಜ್ ಕರೆಂಟಿನ ಊರಲ್ಲಿ ಸೆಕೆಂಡಿಗೆ 24 ಫ್ರೇಮ್ ತೆಗೆಯುವಾಗ ಶಟರ್ 1/48 ಸೆಕೆಂಡಿಗೆ ಇಟ್ರೆ ಅದೇ ಆಗೋದು. 1/50 ಇಡ್ಬೇಕು ಅಂತ ಮೊದಲ ವರ್ಷದ ಹುಡುಗರಿಗೂ ಗೊತ್ತು.

ಗ್ರೇನ್_ಹುಚ್ಚ: ಅದು ಬೇಕು ಅಂತಲೇ ಮಾಡಿದ್ದು!! ಡೈರೆಕ್ಟರ್ಸ್ ನೋಟ್ ಓದಿ.

ಸೌಂಡ್_ಸಂಕಟ: 25 ಫ್ರೇಮಲ್ಲಿ ತೆಗೀರಿ, ಜಗಳ ಮುಗೀತು.

ಮಲ್ಲೇಶ್ವರದ_ಮೊಮ್ಮಗಳು: ಆಮೇಲೆ ಡಿಸಿಪಿಗೆ (ಥಿಯೇಟರಿಗೆ ಕೊಡೋ ಡಿಜಿಟಲ್ ಕಾಪಿ) 24ಕ್ಕೆ ಇಳಿಸಿದ್ರೆ ಸೌಂಡು ಶೇ. 4ರಷ್ಟು ನಿಧಾನ ಆಗುತ್ತಲ್ಲ, ನಿಮ್ಮ 38 ಸಾವಿರದ ಬಕೆಟ್ ಸದ್ದಿನ ಗತಿ?

ಸೌಂಡ್_ಸಂಕಟ: ಬಕೆಟ್ ಸುದ್ದಿಗೆ ಬರಬೇಡಿ ಮೇಡಂ.